ಊದಿನಕಡ್ಡಿ ಹಚ್ಚಿದರೂ ಪೋಕೆಮಾನ್ ಬರಲಿಲ್ಲ!

ಬಾದಾಮಿಯ ಅಗಸ್ತ್ಯ ತೀರ್ಥದ ಮೆಟ್ಟಿಲ ಮೇಲೆ ಕೂತಿದ್ದ ಅಕ್ಕನ ಮಗ ಫೋನನ್ನು ನನ್ನ ಮುಖದ ಮುಂದೆ ಹಿಡಿದ.

"ಮಾಮಾ, ಇನ್ಸೆನ್ಸ್ ಹಚ್ಚಿ ಇಪ್ಪತ್ತ ನಿಮಿಷ ಆತು. ಬರೇ ನಾಕ ಬಂದಾವ ನೋಡ್ರಿ. ಇದು ಕೆಟ್ಟೈತಿ."

ಪಕ್ಕದಲ್ಲಿ ಬುತ್ತಿ ಬಿಚ್ಚುತ್ತಿದ್ದ ಅಕ್ಕ ತಲೆ ಎತ್ತಲಿಲ್ಲ. "ಊದಿನಕಡ್ಡಿ ಹಚ್ಚಿದ್ರ ದೇವರ ಬರೂದು ಗ್ಯಾರಂಟಿ ಇಲ್ಲ, ಇವನ ಗೊಂಬಿ ಬರ್ತಾವಂತ" ಎಂದಳು. ನಗು ಬಂತು, ಆದರೆ ಅವಳ ದನಿಯಲ್ಲಿ ಸಿಟ್ಟೂ ಇತ್ತು. ಹಿಂದಿನ ವಾರ ಇದೇ ಆಟಕ್ಕಾಗಿ ಅವಳ ಖಾತೆಯಿಂದ ಎರಡು ಸಲ ದುಡ್ಡು ಕಡಿತವಾಗಿತ್ತು. "ಒಮ್ಮೆ ಒತ್ತಿದೆ, ಕಾಯಿನ್ ಬರಲಿಲ್ಲ, ಇನ್ನೊಮ್ಮೆ ಒತ್ತಿದೆ" ಎಂಬುದು ಮಗನ ಸಮಜಾಯಿಷಿ. "ಸುಳ್ ಹೇಳ್ತಾನ" ಎಂಬುದು ತಾಯಿಯ ತೀರ್ಮಾನ. ಇಳಕಲ್ಲಿನಿಂದ ಬಾದಾಮಿಗೆ ಬರುವಾಗ ದಾರಿಯುದ್ದಕ್ಕೂ ಇಬ್ಬರ ನಡುವೆ ಮಾತಿರಲಿಲ್ಲ.

ಪೋಕೆಮಾನ್ ಗೋ ಹೊರಬಂದಿದ್ದು 2016ರ ಜುಲೈನಲ್ಲಿ. ಭಾರತಕ್ಕೆ ಅಧಿಕೃತವಾಗಿ ಬಂದಿದ್ದು ಅದೇ ವರ್ಷದ ಡಿಸೆಂಬರ್‌ನಲ್ಲಿ, ಜಿಯೋ ಜೊತೆಗಿನ ಒಪ್ಪಂದದ ಮೂಲಕ. ಆಗ ಬೆಂಗಳೂರಲ್ಲಿ ಕೆಲಸಕ್ಕಿದ್ದ ನಾನೂ ಕಬ್ಬನ್ ಪಾರ್ಕ್‌ನಲ್ಲಿ ತಲೆ ತಗ್ಗಿಸಿ ನಡೆದವನೇ. ಅಲ್ಲಿ ಬಾಲ್ ಖಾಲಿಯಾದರೆ ನಾಲ್ಕು ಹೆಜ್ಜೆಗೆ ಇನ್ನೊಂದು ಪೋಕೆಸ್ಟಾಪ್ ಸಿಗುತ್ತಿತ್ತು, ತಿರುಗಿಸಿದರೆ ಮತ್ತೆ ಬಾಲ್. ಹಾಗಾಗಿ ಯಾವ ಐಟಂ ಹೇಗೆ ಕೆಲಸ ಮಾಡುತ್ತದೆ ಅಂತ ತಲೆ ಕೆಡಿಸಿಕೊಂಡಿರಲಿಲ್ಲ. ಬಾಗಲಕೋಟೆಗೆ ವರ್ಗವಾಗಿ ಬಂದ ಮೇಲೆ ಗೊತ್ತಾಯಿತು. ಸಣ್ಣ ಊರಲ್ಲಿ ಸ್ಟಾಪ್ ಕಡಿಮೆ, ಆಡುವವರೂ ಕಡಿಮೆ. ಒಂದು ಐಟಂ ದಂಡವಾದರೆ ಅದನ್ನು ಮತ್ತೆ ಗಳಿಸಲು ವಾರ ಹಿಡಿಯುತ್ತದೆ, ಇಲ್ಲವೇ ದುಡ್ಡು ಹೋಗುತ್ತದೆ. ಹುನಗುಂದದಲ್ಲಿ ಆಡುವ ಹುಡುಗನಿಗೆ ಬೆಂಗಳೂರಿನವನಿಗಿಂತ ಈ ಲೆಕ್ಕ ಚೆನ್ನಾಗಿ ಗೊತ್ತಿರಬೇಕು.

ಅಳಿಯನ ಇನ್ಸೆನ್ಸ್ ಕೆಟ್ಟಿರಲಿಲ್ಲ. ಅದು ತನ್ನ ಕೆಲಸವನ್ನು ಸರಿಯಾಗಿಯೇ ಮಾಡುತ್ತಿತ್ತು. ಕೂತಲ್ಲೇ ಕೂತರೆ ಐದು ನಿಮಿಷಕ್ಕೊಂದು ಪೋಕೆಮಾನ್, ಇಪ್ಪತ್ತು ನಿಮಿಷಕ್ಕೆ ನಾಲ್ಕು. ಇನ್ಸೆನ್ಸ್ ಉರಿಯುವುದು 60 ನಿಮಿಷ, ಅಂದರೆ ಕೂತು ಕಳೆದರೆ ಹನ್ನೆರಡು. ನಡೆಯುತ್ತಿದ್ದರೆ ಇದಕ್ಕಿಂತ ಎಷ್ಟೋ ಹೆಚ್ಚು. 2020ರ ಲಾಕ್‌ಡೌನ್ ಕಾಲದಲ್ಲಿ ಮನೆಯಲ್ಲಿ ಕೂತವರಿಗೂ ಧಾರಾಳವಾಗಿ ಬರುವಂತೆ ಮಾಡಿದ್ದರು. 2021ರ ಡಿಸೆಂಬರ್‌ನಲ್ಲಿ ಆ ಸವಲತ್ತು ತೆಗೆದರು. ಹಳೆಯ ವಿಡಿಯೊ ನೋಡಿ ಆಡುವವರು ಮೋಸ ಹೋಗುವುದು ಇಲ್ಲೇ.

"ಹಂಗಾರ ನಡೀರಿ" ಅಂತ ಎದ್ದೇ ಬಿಟ್ಟ. ಕೆರೆಯ ದಂಡೆ ಹಿಡಿದು ಭೂತನಾಥ ಗುಡಿಯ ಕಡೆ ಹೊರಟೆವು. ದಾರಿಯಲ್ಲಿ ಬರತೊಡಗಿದವು. ಮುಖ ಅರಳಿತು.

ಆದರೆ ಗುಹೆಗಳ ಕಡೆ ಹತ್ತಿದಾಗ ಹೊಸ ತಕರಾರು. ತೆರೆಯ ಮೇಲಿನ ಅವನ ಬೊಂಬೆ ನಿಂತಲ್ಲಿ ನಿಲ್ಲದು. ಒಮ್ಮೆ ಕೆರೆಯೊಳಗೆ, ಒಮ್ಮೆ ಬಸ್ ನಿಲ್ದಾಣದ ಕಡೆ. ಇದಕ್ಕೆ ಕಾರಣ ಬಂಡೆ. ಉಪಗ್ರಹದಿಂದ ಬರುವ ಜಿಪಿಎಸ್ ಸಂಕೇತ ನೇರವಾಗಿ ಫೋನಿಗೆ ತಲುಪಬೇಕು. ಬಾದಾಮಿಯಲ್ಲಿ ಕೆರೆಯ ಎರಡೂ ಕಡೆ ಕೆಂಪು ಮರಳುಗಲ್ಲಿನ ಗೋಡೆಗಳು ಎದ್ದು ನಿಂತಿವೆ. ಸಂಕೇತ ಅವಕ್ಕೆ ಬಡಿದು ತಿರುಗಿ ಬರುತ್ತದೆ, ಆಕಾಶದ ಅರ್ಧ ಭಾಗವೇ ಮರೆಯಾಗಿರುತ್ತದೆ. ಫೋನಿಗೆ ತಾನು ಎಲ್ಲಿದ್ದೇನೆ ಎಂಬುದೇ ಗೊಂದಲ. ಮಂಗಲೇಶನ 578ರ ಶಾಸನ ಇರುವ ಮೂರನೇ ಗುಹೆಯ ಒಳಗಂತೂ ತಲೆಯ ಮೇಲೆ ಇಡೀ ಗುಡ್ಡವೇ ಇದೆ. ಅಲ್ಲಿ ಫೋನ್ ಜೇಬಿಗಿಟ್ಟು ತಲೆ ಎತ್ತಿ ನೋಡುವುದೇ ಲಾಭ. ಐಟಂ ಬಳಸಬೇಕೆಂದರೆ ಬಯಲಿಗೆ ಬನ್ನಿ. ಬೊಂಬೆ ಒಂದು ನಿಮಿಷ ಒಂದೇ ಕಡೆ ನಿಂತಿದ್ದನ್ನು ನೋಡಿ ಆಮೇಲೆ ಹಚ್ಚಿ.

(ಬಾದಾಮಿ ಮಂಗಗಳ ಬಗ್ಗೆ ಬೇರೆ ಹೇಳಬೇಕಿಲ್ಲವಲ್ಲ? ಕೈಯಲ್ಲಿ ಹೊಳೆಯುವ ವಸ್ತು ಹಿಡಿದು ಮೈಮರೆತವರೆಂದರೆ ಅವಕ್ಕೆ ಬಲು ಪ್ರೀತಿ.)

ಬಯಲಿನಲ್ಲೂ ಬೊಂಬೆ ಕುಣಿಯುತ್ತಿದ್ದರೆ ಫೋನಿನ ಸೆಟ್ಟಿಂಗ್ಸ್ ನೋಡಿ. ಆಂಡ್ರಾಯ್ಡ್ 12ರಿಂದೀಚೆಗೆ, ಐಫೋನ್‌ನಲ್ಲಿ ಐಒಎಸ್ 14ರಿಂದೀಚೆಗೆ, ಆಪ್‌ಗೆ ನಿಖರ ಜಾಗ ಕೊಡಬೇಕೋ ಅಂದಾಜು ಜಾಗ ಸಾಕೋ ಎಂದು ಫೋನ್ ಕೇಳುತ್ತದೆ. ಅವಸರದಲ್ಲಿ ಅಂದಾಜು ಎಂದು ಒತ್ತಿದವರು ಬಹಳ ಜನ. ಬ್ಯಾಟರಿ ಸೇವರ್ ಆನ್ ಇದ್ದರೂ ಜಿಪಿಎಸ್ ಮಂಕಾಗುತ್ತದೆ. ಇನ್ನು "ಫೇಲ್ಡ್ ಟು ಡಿಟೆಕ್ಟ್ ಲೊಕೇಶನ್ (12)" ಎಂದು ಬಂದರೆ ಫೋನಿನಲ್ಲಿ ಸುಳ್ಳು ಜಾಗ ತೋರಿಸುವ ಆಪ್ ಅಥವಾ ಮಾಕ್ ಲೊಕೇಶನ್ ಆಯ್ಕೆ ಆನ್ ಇದೆಯೇ ನೋಡಿ. ಮನೆಯಲ್ಲೇ ಕೂತು ಊರು ಸುತ್ತುವ ಆ ಆಪ್‌ಗಳ ಗೊಡವೆ ಬೇಡ. ಖಾತೆಯೇ ಹೋಗುತ್ತದೆ.

ಲ್ಯೂರ್ ಮಾಡ್ಯೂಲ್ ವಿಷಯದಲ್ಲಿ ನಾನೇ ಪೆಟ್ಟು ತಿಂದವನು. ನವನಗರದ ಒಂದು ಸ್ಟಾಪ್‌ಗೆ ಲ್ಯೂರ್ ಹಾಕಿ, ಅದು ಇನ್ಸೆನ್ಸ್ ಥರ ಹಿಂದೆ ಬರುತ್ತದೆಂದು ಮೂರು ಸೆಕ್ಟರ್ ದಾಟಿ ಚಹಾ ಕುಡಿಯಲು ಹೋಗಿದ್ದೆ. ಇನ್ಸೆನ್ಸ್ ನಿಮ್ಮ ಜೊತೆ ನಡೆಯುತ್ತದೆ, ಅದಕ್ಕೆ ಬಂದದ್ದು ನಿಮಗೊಬ್ಬರಿಗೇ ಕಾಣುತ್ತದೆ. ಲ್ಯೂರ್ ಸ್ಟಾಪ್‌ಗೆ ಅಂಟಿಕೊಂಡು 30 ನಿಮಿಷ ಅಲ್ಲೇ ಇರುತ್ತದೆ, ಅಲ್ಲಿರುವ ಎಲ್ಲರಿಗೂ ಫಲ ಕೊಡುತ್ತದೆ. ಆದ್ದರಿಂದ ಗೆಳೆಯರ ಜೊತೆ ಕೂತು ಹರಟುವ ಕಡೆ ಲ್ಯೂರ್, ಒಬ್ಬರೇ ವಾಕಿಂಗ್ ಹೊರಟಾಗ ಇನ್ಸೆನ್ಸ್.

ಹುನಗುಂದದಿಂದ ಇಳಕಲ್‌ಗೆ ಬಸ್ಸಿನಲ್ಲಿ ಹೋಗುವಾಗ ಆಡುವವರಿಗೆ ಒಂದು ಮಾತು. ವೇಗ ಹೆಚ್ಚಾದರೆ "ನೀವು ಬಹಳ ವೇಗವಾಗಿ ಹೋಗುತ್ತಿದ್ದೀರಿ" ಎಂಬ ಎಚ್ಚರಿಕೆ ಬರುತ್ತದೆ. ಪ್ರಯಾಣಿಕ ಎಂದು ಒತ್ತಿದರೆ ಆ ಫಲಕ ಹೋಗುತ್ತದೆ, ಅಷ್ಟೇ. ಹೆದ್ದಾರಿಯ ವೇಗದಲ್ಲಿ ಸ್ಟಾಪ್ ತಿರುಗುವುದಿಲ್ಲ, ಮೊಟ್ಟೆಯ ಕಿಲೋಮೀಟರ್ ಏರುವುದಿಲ್ಲ. ಬಾಗಲಕೋಟೆ–ಬಾದಾಮಿ ರೈಲಿನಲ್ಲೂ ಅದೇ ಕಥೆ. ಗುಳೇದಗುಡ್ಡ ರೋಡ್‌ನಲ್ಲಿ ಗಾಡಿ ನಿಂತಾಗ ಏನಾದರೂ ಸಿಕ್ಕರೆ ಅದೃಷ್ಟ. ಬೈಕ್ ಓಡಿಸುವವರಿಗೆ ನಾನು ಯಾವ ಟಿಪ್ಸೂ ಕೊಡುವುದಿಲ್ಲ. ಫೋನ್ ಒಳಗಿಡಿ.

ಅಳಿಯ ಬಾದಾಮಿಯಿಂದ ವಾಪಸ್ ಬರುವಾಗ ಒಂದೊಂದೇ ಕೇಳುತ್ತಾ ಬಂದ.

"ಪೋಶನ್ ಕುಡಸ್ತೀನಿ, ತಗೊಳ್ಳವಲ್ದು." ಸೋತು ಮೂರ್ಛೆ ಹೋದ ಪೋಕೆಮಾನ್‌ಗೆ ಮೊದಲು ರಿವೈವ್ ಕೊಡಬೇಕು. ಅದು ಅರ್ಧ ಜೀವ ಕೊಡುತ್ತದೆ. ಉಳಿದರ್ಧಕ್ಕೆ ಪೋಶನ್. ಮ್ಯಾಕ್ಸ್ ರಿವೈವ್ ಇದ್ದರೆ ಪೋಶನ್ನೇ ಬೇಡ.

"ಮೆಟಲ್ ಕೋಟ್ ಐತಿ, ಆನಿಕ್ಸ್ ಸ್ಟೀಲಿಕ್ಸ್ ಆಗವಲ್ದು." ಮೆಟಲ್ ಕೋಟ್ ಒಂದೇ ಸಾಲದು, ಆನಿಕ್ಸ್‌ನ 50 ಕ್ಯಾಂಡಿಯೂ ಬೇಕು. ಬ್ಯಾಗ್ ತೆರೆದು ಹುಡುಕಿದರೆ ಆಗದು. ಆನಿಕ್ಸ್‌ನ ಪುಟಕ್ಕೇ ಹೋಗಿ ಇವಾಲ್ವ್ ಒತ್ತಬೇಕು.

"ಬೆರಿ ಕೊಟ್ಟೆ, ಬಾಲ್ ಗುರಿ ತಪ್ತು, ಬೆರಿ ಹೋತು." ಹೋಗಿಲ್ಲ. ಬಾಲ್ ತಾಗದೇ ಹೋದರೆ ಬೆರಿಯ ಪರಿಣಾಮ ಉಳಿದಿರುತ್ತದೆ. ತಾಗಿ, ಒಳಗೆ ಹೋಗಿ, ಮತ್ತೆ ಹೊರಬಂದರೆ ಮಾತ್ರ ಹೊಸ ಬೆರಿ.

"ಸ್ಟಾಪ್ ತಿರುಗಿಸ್ತೀನಿ, ಏನೂ ಬರವಲ್ದು." ಬ್ಯಾಗ್ ತುಂಬಿದೆ ಮಾರಾಯ! ಶುರುವಿನಲ್ಲಿ 350 ವಸ್ತುಗಳಷ್ಟೇ ಹಿಡಿಯುತ್ತದೆ. ತೆರೆದು ನೋಡಿದರೆ ನನಾಬ್ ಬೆರಿಯೇ ರಾಶಿ. ಕಸ ತೆಗೆದರೆ ಬಾಲ್‌ಗೆ ಜಾಗವಾಗುತ್ತದೆ. ಇದಕ್ಕಾಗಿ ಕಾಯಿನ್ ಕೊಟ್ಟು ಬ್ಯಾಗ್ ದೊಡ್ಡದು ಮಾಡಿಸುವ ಮೊದಲು ಸ್ವಲ್ಪ ಗುಡಿಸಿ.

ಅಂದಹಾಗೆ, ಬಾಲ್ ತೀರಾ ಕಡಿಮೆಯಾದವರು ಡೈಲಿ ಅಡ್ವೆಂಚರ್ ಇನ್ಸೆನ್ಸ್ ಮರೆಯಬೇಡಿ. ದಿನಕ್ಕೊಂದು, ಪುಕ್ಕಟೆ, 15 ನಿಮಿಷ. ಬಾಲ್ ಮುಗಿಯುತ್ತಾ ಬಂದಾಗ ಹಚ್ಚಿದರೆ ಆಟವೇ ಒಂದಷ್ಟು ಬಾಲ್ ಕೊಡುತ್ತದೆ. ನಮ್ಮಂಥ ಊರಿನವರಿಗೆ ಇದು ರೇಷನ್ ಇದ್ದ ಹಾಗೆ. ಆದರೆ ಕೂತವರಿಗೆ ಇದರಿಂದ ಏನೂ ಬರುವುದಿಲ್ಲ, ನಡೆಯಲೇಬೇಕು.

ಲಕ್ಕಿ ಎಗ್ ಬಗ್ಗೆ ಹೇಳಬೇಕಾದ್ದು ಸ್ವಲ್ಪ ಹೆಚ್ಚಿದೆ, ಏಕೆಂದರೆ ಹೆಚ್ಚು ದಂಡವಾಗುವುದು ಅದೇ. 30 ನಿಮಿಷ ಎಕ್ಸ್‌ಪಿ ಇಮ್ಮಡಿ. ಒಡೆದ ಮೇಲೆ ನೆಟ್ ಹೋದರೂ, ಬಾಸ್ ಫೋನ್ ಮಾಡಿದರೂ, ಆಪ್ ಮುಚ್ಚಿದರೂ ಗಡಿಯಾರ ನಿಲ್ಲುವುದಿಲ್ಲ. ಅಳಿಯ ಮೊದಲು ಎಗ್ ಒಡೆದು, ಆಮೇಲೆ ಯಾವುದನ್ನು ಇವಾಲ್ವ್ ಮಾಡಲಿ ಎಂದು ಹುಡುಕುತ್ತಿದ್ದ. ಇದನ್ನು ಅಕ್ಕನಿಗೆ ವಿವರಿಸಿದಾಗ ಅವಳಿಗೆ ಒಂದೇ ಸಲಕ್ಕೆ ತಿಳಿಯಿತು. ಅವಳ ಅತ್ತೆಯ ಮನೆಯದು ಇಳಕಲ್ ಸೀರೆಯ ಮಗ್ಗ. "ಹಾಸು ಕಟ್ಟೂಕ ಮೊದ್ಲ ಲಾಳಿ ಓಡಸ್ತಾನೇನ ಯಾವನಾರ?" ಎಂದಳು. ಮೊದಲು ಇವಾಲ್ವ್ ಮಾಡಬೇಕಾದವನ್ನೆಲ್ಲ ಗುರುತು ಹಾಕಿಟ್ಟುಕೊಂಡು, ನೆಟ್ ಚೆನ್ನಾಗಿರುವಲ್ಲಿ ಕೂತು, ಆಮೇಲೆ ಎಗ್. 90 ದಿನ ಕಾದು ಬೆಸ್ಟ್ ಫ್ರೆಂಡ್ ಆಗುವ ದಿನವಂತೂ ಗಿಫ್ಟ್ ತೆರೆಯುವ ಮೊದಲು ಆ ಗೆಳೆಯನಿಗೆ ಒಂದು ವಾಟ್ಸ್ಆ್ಯಪ್ ಹಾಕಿ. ಇಬ್ಬರೂ ಎಗ್ ಒಡೆದುಕೊಂಡು ತೆರೆದರೆ ಇಬ್ಬರಿಗೂ ಲಾಭ.

ಇನ್ನು ದುಡ್ಡಿನ ಕಥೆ. ರಾತ್ರಿ ಊಟವಾದ ಮೇಲೆ ಅಕ್ಕನ ಎದುರೇ ಕೂತು ಫೋನಿನ ಆಪ್ ಸ್ಟೋರ್‌ನಲ್ಲಿ ಖರೀದಿಯ ಪಟ್ಟಿ ತೆಗೆದೆವು. ಎರಡು ಆರ್ಡರ್, ಏಳು ನಿಮಿಷದ ಅಂತರ. ಹುಡುಗ ಸುಳ್ಳು ಹೇಳಿರಲಿಲ್ಲ. ನೆಟ್ ಸರಿಯಿಲ್ಲದ ಕಡೆ ನಿಂತು ಒತ್ತಿದ್ದ. ದುಡ್ಡು ಹೋಗಿತ್ತು, ಕಾಯಿನ್ ತಡವಾಗಿತ್ತು, ಗಾಬರಿಯಾಗಿ ಮತ್ತೆ ಒತ್ತಿದ್ದ. ಆಮೇಲೆ ಎರಡೂ ಕಂತಿನ ಕಾಯಿನ್ ಬಂದು ಸೇರಿದ್ದವು, ಅವನು ಲೆಕ್ಕ ನೋಡಿರಲಿಲ್ಲ. ನಿಮಗೂ ಹೀಗಾದರೆ ಎರಡನೇ ಸಲ ಒತ್ತಬೇಡಿ. ಆಪ್ ಪೂರ್ತಿ ಮುಚ್ಚಿ, ಒಳ್ಳೆಯ ನೆಟ್‌ನಲ್ಲಿ ಅದೇ ಖಾತೆಯಿಂದ ತೆರೆಯಿರಿ. ಆಗಲೂ ಬಾರದಿದ್ದರೆ ಖರೀದಿ ಪಟ್ಟಿಯಲ್ಲಿರುವ ಆರ್ಡರ್ ಸಂಖ್ಯೆ ಸಮೇತ ಆಟದ ಒಳಗಿನ ಹೆಲ್ಪ್‌ಗೆ ಬರೆಯಿರಿ. ಗೂಗಲ್‌ನಲ್ಲಿ ಹುಡುಕಿ ಸಿಕ್ಕ "ಕಸ್ಟಮರ್ ಕೇರ್" ನಂಬರಿಗೆ ಮಾತ್ರ ಫೋನ್ ಮಾಡಬೇಡಿ, ಒಟಿಪಿ ಕೇಳುವವರು ಕಾಯುತ್ತಿರುತ್ತಾರೆ. ಮತ್ತೆ, ಪ್ರತಿ ಖರೀದಿಗೂ ಪಾಸ್‌ವರ್ಡ್ ಕೇಳುವಂತೆ ಸ್ಟೋರ್‌ನಲ್ಲಿ ಬದಲಿಸಿಡಿ. ಅಕ್ಕನ ಫೋನಿನಲ್ಲಿ ಅವತ್ತೇ ಬದಲಿಸಿದೆ.

ಅಕ್ಕ ಏನೂ ಹೇಳಲಿಲ್ಲ. ಮಗನ ತಾಟಿಗೆ ಇನ್ನೊಂದು ಕರಿಗಡುಬು ಹಾಕಿದಳು.

ಕೊನೆಗೆ ಉಳಿದದ್ದು ಮೊಟ್ಟೆ. 10 ಕಿಲೋಮೀಟರಿನದು, ಇನ್‌ಕ್ಯುಬೇಟರ್‌ನಲ್ಲಿ ವಾರಗಟ್ಟಲೆ ಕೂತಿತ್ತು. ಅಡ್ವೆಂಚರ್ ಸಿಂಕ್ ಆನ್ ಇದ್ದರೆ ಆಪ್ ಮುಚ್ಚಿದ್ದರೂ ನಡೆದ ದೂರ ಎಣಿಕೆಯಾಗಬೇಕು. ಆಗುತ್ತಿರಲಿಲ್ಲ. ಫೋನಿನ ಆರೋಗ್ಯ ಆಪ್‌ಗೆ ಕೊಟ್ಟಿದ್ದ ಅನುಮತಿ ಹೋಗಿತ್ತು, ಸಾಲದ್ದಕ್ಕೆ ಬ್ಯಾಟರಿ ಉಳಿಸುವ ಸೆಟ್ಟಿಂಗ್ ಆಟವನ್ನು ಹಿನ್ನೆಲೆಯಲ್ಲಿ ನಿದ್ದೆಗೆ ಹಾಕುತ್ತಿತ್ತು. ಎರಡನ್ನೂ ಸರಿಮಾಡಿದೆವು. ಆಮೇಲೆ ತಿಳಿದದ್ದು, ಹುಡುಗ ನಡೆಯುವುದೇ ಇಲ್ಲ, ಎಲ್ಲಿ ಹೋದರೂ ಬೈಕು!

ಮುಂದಿನ ಸೋಮವಾರ ಅಕ್ಕ ಸೀರೆ ಅಂಗಡಿಗೆ ಹೊರಟಾಗ ಅವಳ ಫೋನ್ ಚಾರ್ಜ್ ಇರಲಿಲ್ಲವೆಂದು ಮಗನದನ್ನೇ ಚೀಲಕ್ಕೆ ಹಾಕಿಕೊಂಡು ಹೋದಳಂತೆ. ಅಂಗಡಿ, ಕಾಯಿಪಲ್ಯೆ, ಮಠ, ಮನೆ. ಸಂಜೆ ಅವನು ಆಟ ತೆರೆದರೆ ಮೊಟ್ಟೆ ಅಲುಗಾಡುತ್ತಿತ್ತು. ಈಗ ದಿನಾ ಬೆಳಿಗ್ಗೆ ಅವನದೊಂದೇ ಪ್ರಶ್ನೆ: "ಯವ್ವಾ, ಇವತ್ತ ಪ್ಯಾಟಿಗೆ ಹೊಂಟೀಯೇನು?"