ಒಳಗೂ ಬೆಂದಿದೆಯಾ?

ನಾವು ಬದನೆಕಾಯಿಗೆ ಮಸಾಲೆ ತುಂಬಿ ಎಣ್ಣೆಗಾಯಿ ಮಾಡ್ತೇವೆ. ಕೋಳಿಗೂ ಹೀಗೇ ತುಂಬಬಹುದು. ಕೇರಳದ ಮಲಬಾರಿನಲ್ಲಿ ಇಡೀ ಕೋಳಿಯ ಒಳಗೆ ಬೇಯಿಸಿದ ಮೊಟ್ಟೆ, ಮಸಾಲೆ ತುಂಬುತ್ತಾರೆ. ಯೂರೋಪ್, ಅಮೆರಿಕಗಳಲ್ಲಿ ಕೋಳಿಯ ಎದೆ ಮಾಂಸಕ್ಕೆ ಸೇಬು, ಚೀಸ್ ತುಂಬುತ್ತಾರೆ. ಚೀಸ್ ಹಾಲಿನಿಂದ ಮಾಡಿದ್ದು. ಅದು ಸಿಗದಿದ್ದರೆ ಪನೀರ್ ಹಾಕೋಣ.

ಮಾಡುವುದು ಹೀಗೆ:
ಮೂಳೆ ಇಲ್ಲದ ಎದೆ ತುಂಡನ್ನು ಬದಿಯಿಂದ ಸೀಳಿ. ಅದು ಚೀಲದ ಹಾಗೆ ಆಗಬೇಕು. ಆಚೆ ಕಡೆ ತೂತಾಗಬಾರದು. ಸಣ್ಣಗೆ ಹೆಚ್ಚಿದ ಸೇಬು, ಚೀಸ್, ಕಾಳುಮೆಣಸಿನ ಪುಡಿ, ಉಪ್ಪು ಕಲಸಿ. 2 ಚಮಚ ತುಂಬಿ. ಹೆಚ್ಚು ತುಂಬಿದರೆ ಹೊರಗೆ ಬರುತ್ತದೆ. ದಾರದಿಂದ ಕಟ್ಟಿ. ಎಣ್ಣೆಯಲ್ಲಿ ಎರಡೂ ಕಡೆ ಕೆಂಪಗೆ ಹುರಿಯಿರಿ. ಸ್ವಲ್ಪ ನೀರು ಹಾಕಿ, ಮುಚ್ಚಿ, ಸಣ್ಣ ಉರಿಯಲ್ಲಿ 20-25 ನಿಮಿಷ ಬೇಯಿಸಿ. ದಾರ ಬಿಚ್ಚಿ ಬಡಿಸಿ.

ಒಳಗೆ ಯಾಕೆ ಬೇಯಬೇಕು?
ಹಸಿ ಕೋಳಿಯಲ್ಲಿ ರೋಗಾಣು ಇರಬಹುದು. ಅವು ಕಣ್ಣಿಗೆ ಕಾಣುವುದಿಲ್ಲ. ವಾಂತಿ, ಭೇದಿ ತರುತ್ತವೆ. ಸಣ್ಣ ಮಕ್ಕಳಿಗೆ, ಬಸುರಿಯರಿಗೆ ಅಪಾಯ ಹೆಚ್ಚು. ಹಸಿ ಮಾಂಸದ ನೀರು ಹೂರಣಕ್ಕೂ ಇಳಿಯುತ್ತದೆ. ಹೊರಗೆ ಕೆಂಪಗಾದರೂ ನಡುವೆ ಹಸಿ ಉಳಿಯಬಹುದು. ಹೂರಣದ ಬಿಸಿ 74 ಡಿಗ್ರಿ ಸೆಲ್ಸಿಯಸ್ ಮುಟ್ಟಿದರೆ ರೋಗಾಣು ಸಾಯುತ್ತವೆ.

ನಮಗೆ ಗೊತ್ತಾಗುವುದು ಹೇಗೆ?
ದಪ್ಪ ತುಂಡನ್ನು ನಡುವೆ ಕತ್ತರಿಸಿ ನೋಡಿ. ಹೂರಣದಿಂದ ಹಬೆ ಏಳಬೇಕು. ಮಾಂಸ ಬೆಳ್ಳಗಿರಬೇಕು. ಕೆಂಪು ನೀರು ಬಂದರೆ ಮತ್ತೆ ಬೇಯಿಸಿ.

ಇನ್ನೊಂದು ಮಾತು. ಹಸಿ ಕೋಳಿ ಮುಟ್ಟಿದ ಕೈ, ಚಾಕು, ಮಣೆ ಎಲ್ಲವನ್ನೂ ಸೋಪಿನಿಂದ ತೊಳೆಯೋಣ. ಆಮೇಲೆ ಸೌತೆಕಾಯಿ, ಈರುಳ್ಳಿ ಹೆಚ್ಚೋಣ.

ಊಟ ಸ್ವಲ್ಪ ತಡವಾದರೂ ಪರವಾಗಿಲ್ಲ. ಒಳಗೆ ಬೆಂದ ಮೇಲೇ ಬಡಿಸೋಣ.