ಪಾರ್ಕಿನ್ಸನ್ ಚಿಕಿತ್ಸೆ: ಡೋಪಮಿನ್‌ನ ಹೊತ್ತುಗೊತ್ತು

ಪಾರ್ಕಿನ್ಸನ್ ಕಾಯಿಲೆಯಲ್ಲಿ ಮುಖ್ಯವಾಗಿ ಸಾಯುವುದು ಮಧ್ಯಮಿದುಳಿನ ಸಬ್‌ಸ್ಟಾನ್ಷಿಯಾ ನೈಗ್ರಾ ಎಂಬ ಚಿಕ್ಕ, ಕಪ್ಪು ಛಾಯೆಯ ಭಾಗದ ನರಕೋಶಗಳು. ಅವು ತಯಾರಿಸುವ ಡೋಪಮಿನ್ ಎಂಬ ರಾಸಾಯನಿಕ ಕಡಿಮೆಯಾದಂತೆ ಕೈ ನಡುಗುತ್ತದೆ, ಮೈ ಬಿಗಿಯುತ್ತದೆ, ಎಲ್ಲ ಕೆಲಸವೂ ನಿಧಾನವಾಗುತ್ತದೆ. ಲಕ್ಷಣಗಳು ಹೊರಗೆ ಕಾಣುವ ಹೊತ್ತಿಗೆ ಚಲನೆಗೆ ಬೇಕಾದ ಡೋಪಮಿನ್‌ನಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಖಾಲಿಯಾಗಿರುತ್ತದೆ. ಕೋಶಗಳ ಸಾವನ್ನು ತಡೆಯುವ ಔಷಧ ಇನ್ನೂ ಬಂದಿಲ್ಲ. ಆದರೆ ಲಕ್ಷಣಗಳನ್ನು ಹತೋಟಿಗೆ ತಂದು, ರೋಗಿ ಹಲವು ವರ್ಷ ತನ್ನ ಕೆಲಸ ತಾನೇ ಮಾಡಿಕೊಂಡು ಇರುವಂತೆ ಮಾಡುವ ಚಿಕಿತ್ಸೆಗಳು ಇವೆ. ಮಿದುಳಿನ ಬೇರೆ ಕ್ಷಯಕಾರಿ ಕಾಯಿಲೆಗಳ ಪೈಕಿ ಇಷ್ಟು ಒಳ್ಳೆಯ ಔಷಧವಿರುವ ಇನ್ನೊಂದನ್ನು ಹೆಸರಿಸುವುದು ಕಷ್ಟ.

ಚಿಕಿತ್ಸೆಯ ಮೊದಲ ಹೆಜ್ಜೆ ಕಾಯಿಲೆ ನಿಜವಾಗಿ ಪಾರ್ಕಿನ್ಸನ್ನೇ ಎಂದು ಖಚಿತಪಡಿಸಿಕೊಳ್ಳುವುದು. ಇದನ್ನು ಹೇಳಿಬಿಡುವ ಸಾಮಾನ್ಯ ರಕ್ತಪರೀಕ್ಷೆ ಇಲ್ಲ. ನರರೋಗ ತಜ್ಞರು ಕಣ್ಣಾರೆ ನೋಡಿಯೇ ತೀರ್ಮಾನಿಸುತ್ತಾರೆ. ಹೆಬ್ಬೆರಳಿಗೆ ತೋರುಬೆರಳನ್ನು ಬಡಬಡನೆ ತಟ್ಟಲು ಹೇಳಿದರೆ ಹತ್ತು ಸಲ ತಟ್ಟುವಷ್ಟರಲ್ಲಿ ಬೆರಳುಗಳ ನಡುವಿನ ಅಂತರ ಕಿರಿದಾಗುತ್ತಾ ಬರುತ್ತದೆ. ನಡೆಯುವಾಗ ಒಂದು ಕೈ ಬೀಸುವುದಿಲ್ಲ. ಒಂದು ಸಾಲು ಬರೆಸಿದರೆ ಅಕ್ಷರಗಳು ಸಾಲಿನ ಕೊನೆಗೆ ಹೋದಂತೆ ಸಣ್ಣದಾಗುತ್ತವೆ; ಬ್ಯಾಂಕಿನಲ್ಲಿ ಸಹಿ ಹೊಂದುತ್ತಿಲ್ಲ ಎಂದು ಚೆಕ್ ವಾಪಸು ಬಂದಾಗಲೇ ಕೆಲವರಿಗೆ ಮೊದಲ ಅನುಮಾನ ಹುಟ್ಟುವುದುಂಟು.

ಇದೇ ಹಂತದಲ್ಲಿ ರೋಗಿ ಈಗಾಗಲೇ ನುಂಗುತ್ತಿರುವ ಮಾತ್ರೆಗಳ ಪಟ್ಟಿಯನ್ನೂ ನೋಡಬೇಕು. ತಲೆಸುತ್ತಿಗೆ ಕೊಡುವ ಸಿನ್ನರಿಜಿನ್, ಮೈಗ್ರೇನ್‌ಗೆ ಕೊಡುವ ಫ್ಲುನರಿಜಿನ್, ಮಾನಸಿಕ ಕಾಯಿಲೆಯ ಕೆಲವು ಮಾತ್ರೆಗಳು ಡೋಪಮಿನ್‌ನ ದಾರಿಗೆ ಅಡ್ಡ ನಿಂತು ಪಾರ್ಕಿನ್ಸನ್‌ನಂಥದೇ ಲಕ್ಷಣಗಳನ್ನು ತರುತ್ತವೆ. ಭಾರತದಲ್ಲಿ ವಿಶೇಷವಾಗಿ ಗಮನಿಸಬೇಕಾದ್ದು ಲೆವೊಸಲ್ಪಿರೈಡ್. ಇದು ಎಷ್ಟೋ ‘ಗ್ಯಾಸ್ಟ್ರಿಕ್ ಮಾತ್ರೆ’ಗಳಲ್ಲಿ ಇನ್ನೊಂದು ಔಷಧದ ಜೊತೆ ಸೇರಿಕೊಂಡಿರುತ್ತದೆ, ಹಳೆಯ ಚೀಟಿ ತೋರಿಸಿ ತಿಂಗಳುಗಟ್ಟಲೆ ಕೊಂಡು ನುಂಗುವ ಹಿರಿಯರು ಬಹಳ. ಇಂಥ ಔಷಧ ಬಿಡಿಸಿದರೆ ಹೆಚ್ಚಿನವರು ಕೆಲವು ವಾರ ಅಥವಾ ತಿಂಗಳುಗಳಲ್ಲಿ ಸುಧಾರಿಸುತ್ತಾರೆ. ಅಂಥವರಿಗೆ ಪಾರ್ಕಿನ್ಸನ್ ಎಂಬ ಹಣೆಪಟ್ಟಿ ಹಚ್ಚಿ ಹೊಸ ಮಾತ್ರೆ ಶುರು ಮಾಡುವುದು ಅನ್ಯಾಯ.

ಪಾರ್ಕಿನ್ಸನ್ ಎಂದು ಖಚಿತವಾದ ಮೇಲೆ ಚಿಕಿತ್ಸೆಯ ಬೆನ್ನೆಲುಬು ಲೆವೊಡೋಪಾ. ಡೋಪಮಿನ್ ಅನ್ನೇ ನುಂಗಿದರೆ ಅದು ರಕ್ತದಿಂದ ಮಿದುಳಿಗೆ ದಾಟುವುದಿಲ್ಲ. ಲೆವೊಡೋಪಾ ದಾಟುತ್ತದೆ, ಒಳಗೆ ಹೋಗಿ ಡೋಪಮಿನ್ ಆಗುತ್ತದೆ. 1957ರಲ್ಲಿ ಸ್ವೀಡನ್ನಿನ ಆರ್ವಿಡ್ ಕಾರ್ಲ್‌ಸನ್, ರಿಸರ್ಪಿನ್ ಕೊಟ್ಟು ನಿಶ್ಚಲವಾಗಿಸಿದ್ದ ಪ್ರಾಣಿಗಳು ಡೋಪಾ ಚುಚ್ಚಿದಾಗ ಮತ್ತೆ ಓಡಾಡತೊಡಗಿದ್ದನ್ನು ತೋರಿಸಿದರು. 2000ದಲ್ಲಿ ಅವರಿಗೆ ನೊಬೆಲ್ ಬಂತು. 1960ರಲ್ಲಿ ವಿಯೆನ್ನಾದ ಒಲೆ ಹಾರ್ನಿಕೀವಿಚ್ ಮತ್ತು ಸಂಗಡಿಗರು, ಪಾರ್ಕಿನ್ಸನ್‌ನಿಂದ ತೀರಿಕೊಂಡವರ ಮಿದುಳಿನಲ್ಲಿ ಡೋಪಮಿನ್ ಕೊರತೆ ಇರುವುದನ್ನು ಅಳೆದು ತೋರಿಸಿದರು. ಮರುವರ್ಷವೇ ಅಲ್ಲಿನ ರೋಗಿಗಳಿಗೆ ಲೆವೊಡೋಪಾ ಚುಚ್ಚುಮದ್ದು ಕೊಡಲಾಯಿತು. ಹಾಸಿಗೆ ಹಿಡಿದವರು ಎದ್ದು ನಡೆದರು, ಆದರೆ ಕೆಲವೇ ಗಂಟೆ. 1967ರಲ್ಲಿ ಅಮೆರಿಕದ ಜಾರ್ಜ್ ಕಾಟ್ಜಿಯಾಸ್ ಸಣ್ಣ ಪ್ರಮಾಣದಿಂದ ಶುರುಮಾಡಿ ನಿಧಾನವಾಗಿ ಏರಿಸಿ ಬಾಯಿಂದಲೇ ಕೊಟ್ಟಾಗ ಗುಣ ನಿಂತಿತು.

ಆ ಕಾಲದ ದೊಡ್ಡ ತೊಂದರೆ ವಾಂತಿ. ನುಂಗಿದ ಔಷಧದ ಬಹುಪಾಲು ಮಿದುಳು ತಲುಪುವ ಮೊದಲೇ ಮೈಯಲ್ಲೆಲ್ಲ ಡೋಪಮಿನ್ ಆಗಿಬಿಡುತ್ತಿತ್ತು. ಈ ಪರಿವರ್ತನೆಯನ್ನು ಮಿದುಳಿನ ಹೊರಗೆ ಮಾತ್ರ ತಡೆಯುವ ಕಾರ್ಬಿಡೋಪಾ ಜೊತೆಗೂಡಿದ ಮೇಲೆ ಮೊದಲಿನದಕ್ಕಿಂತ ಬಹಳ ಕಡಿಮೆ ಲೆವೊಡೋಪಾ ಸಾಕಾಯಿತು. ಇಂದು ಔಷಧದಂಗಡಿಯಲ್ಲಿ ಸಿಗುವ ಸಿಂಡೋಪಾದಂಥ ಮಾತ್ರೆಗಳು ಈ ಜೋಡಿಯೇ.

ಮೊದಲ ಕೆಲವು ವರ್ಷ ದಿನಕ್ಕೆ ಮೂರು ಮಾತ್ರೆ ನುಂಗಿದವರು ಇಡೀ ದಿನ ಚೆನ್ನಾಗಿರುತ್ತಾರೆ. ಆಮೇಲೆ ಮುಂದಿನ ಮಾತ್ರೆಯ ಹೊತ್ತಿಗೆ ಮುಂಚೆಯೇ ಮೈ ಹಿಡಿಯತೊಡಗುತ್ತದೆ. ರಕ್ತದಲ್ಲಿ ಲೆವೊಡೋಪಾ ಸುಮಾರು ಒಂದೂವರೆ ಗಂಟೆಯಲ್ಲಿ ಅರ್ಧಕ್ಕೆ ಇಳಿಯುತ್ತದೆ. ಆದರೂ ಆರಂಭದಲ್ಲಿ ತೊಂದರೆಯಾಗದಿದ್ದುದು ಉಳಿದ ನರಕೋಶಗಳು ಡೋಪಮಿನ್ ಅನ್ನು ಕೂಡಿಟ್ಟು ಹದವಾಗಿ ಬಿಡುತ್ತಿದ್ದುದರಿಂದ. ಮಹಡಿಯ ಮೇಲಿನ ಟ್ಯಾಂಕ್ ಇರುವ ತನಕ ಮನೆಯ ನಲ್ಲಿಯಲ್ಲಿ ಎಲ್ಲ ಹೊತ್ತೂ ನೀರು. ಟ್ಯಾಂಕ್ ಒಡೆದರೆ ಬೀದಿಯಲ್ಲಿ ನೀರು ಬಿಟ್ಟಾಗ ಮಾತ್ರ. ಕೋಶಗಳು ಕಳೆದಂತೆ ಮಿದುಳೂ ಹಾಗೆ ಮಾತ್ರೆಯ ಏರಿಳಿತಕ್ಕೆ ಒಳಗಾಗುತ್ತದೆ. ಮಾತ್ರೆ ಹಿಡಿದಿರುವ ಹೊತ್ತನ್ನು ವೈದ್ಯರು ‘ಆನ್’ ಎನ್ನುತ್ತಾರೆ, ಇಳಿದ ಹೊತ್ತನ್ನು ‘ಆಫ್’ ಎನ್ನುತ್ತಾರೆ. ಏರಿಕೆಯ ತುದಿಯಲ್ಲಿ ಕೆಲವರ ಕೈಕಾಲು, ಕತ್ತು ತಮ್ಮಷ್ಟಕ್ಕೆ ಬಳುಕುತ್ತವೆ, ಇದು ಡಿಸ್ಕಿನೇಸಿಯಾ. ಮುಂದೆ ಹೇಳುವ ಹೆಚ್ಚಿನ ಚಿಕಿತ್ಸೆಗಳ ಗುರಿ ಒಂದೇ: ಈ ಏರಿಳಿತವನ್ನು ಸಮಗೊಳಿಸುವುದು.

ಇಲ್ಲೊಂದು ಹಳೆಯ ಭಯವಿದೆ. ಈಗಲೇ ಲೆವೊಡೋಪಾ ತೊಗೊಂಡರೆ ಮುಂದೆ ಕೆಲಸ ಮಾಡುವುದಿಲ್ಲ, ಆದಷ್ಟು ತಡೆದು ಇಟ್ಟುಕೊಳ್ಳಬೇಕು ಎಂದು ಎಷ್ಟೋ ಮನೆಗಳಲ್ಲಿ ಮಾತ್ರೆಯನ್ನು ಮುಂದೂಡುತ್ತಾರೆ. ಇದನ್ನು ಚೆನ್ನಾಗಿ ಪರೀಕ್ಷಿಸಿದ್ದು ಆಫ್ರಿಕಾದ ಗಾನಾ ಮತ್ತು ಇಟಲಿಯ ರೋಗಿಗಳನ್ನು ಹೋಲಿಸಿದ, 2014ರಲ್ಲಿ ಪ್ರಕಟವಾದ ಅಧ್ಯಯನ. ಗಾನಾದಲ್ಲಿ ಔಷಧ ಸಿಗುವುದೇ ಕಷ್ಟವಾಗಿದ್ದರಿಂದ ಅಲ್ಲಿನವರು ಕಾಯಿಲೆ ಶುರುವಾಗಿ ಸರಾಸರಿ ನಾಲ್ಕು ವರ್ಷಕ್ಕೂ ಹೆಚ್ಚು ಕಾಲದ ನಂತರ ಲೆವೊಡೋಪಾ ಆರಂಭಿಸಿದ್ದರು. ಆದರೂ ಕಾಯಿಲೆಗೆ ಹೆಚ್ಚು ಕಡಿಮೆ ಅಷ್ಟೇ ವಯಸ್ಸಾದಾಗ ಇಬ್ಬರಲ್ಲೂ ಏರಿಳಿತ ಕಾಣಿಸಿತು. ಅಂದರೆ ಏರಿಳಿತ ಬರುವ ಕಾಲವನ್ನು ಮುಖ್ಯವಾಗಿ ನಿರ್ಧರಿಸುವುದು ಮುಂದುವರಿಯುವ ಕಾಯಿಲೆ. ಮಾತ್ರೆ ನುಂಗಿದ ವರ್ಷಗಳ ಲೆಕ್ಕವಲ್ಲ. ನೆದರ್ಲೆಂಡ್ಸ್‌ನಲ್ಲಿ ನಡೆದು 2019ರಲ್ಲಿ ಪ್ರಕಟವಾದ ಪ್ರಯೋಗದಲ್ಲೂ ಲೆವೊಡೋಪಾವನ್ನು 40 ವಾರ ತಡಮಾಡಿದವರಿಗೆ ಕೊನೆಯಲ್ಲಿ ಯಾವ ಲಾಭವೂ ಕಾಣಲಿಲ್ಲ. ಅಂಗಿಯ ಗುಂಡಿ ಹಾಕಿಕೊಳ್ಳಲಾಗದ ವ್ಯಕ್ತಿಗೆ ಔಷಧ ತಡೆಹಿಡಿದರೆ ಕಳೆದುಹೋಗುವುದು ಒಳ್ಳೆಯ ವರ್ಷಗಳು.

ತೆಗೆದುಕೊಳ್ಳುವ ಕ್ರಮ ಮಾತ್ರೆಯಷ್ಟೇ ಮುಖ್ಯ. ಊಟದ ಪ್ರೋಟೀನು ಕರಗಿ ಬರುವ ಅಮೈನೋ ಆಮ್ಲಗಳೂ ಲೆವೊಡೋಪಾವೂ ಕರುಳನ್ನು ದಾಟುವುದು, ಮಿದುಳನ್ನು ಹೊಗುವುದು ಒಂದೇ ಬಾಗಿಲಿನಿಂದ. ಹಾಗಾಗಿ ಬೇಳೆ, ಮೊಟ್ಟೆ, ಮೊಸರು, ಮಾಂಸದ ಊಟದ ಜೊತೆ ನುಂಗಿದ ಮಾತ್ರೆ ಕೆಲವರಿಗೆ ಹಿಡಿಯುವುದೇ ಇಲ್ಲ. ಊಟಕ್ಕೆ ಅರ್ಧದಿಂದ ಒಂದು ಗಂಟೆ ಮೊದಲು ನೀರಿನೊಂದಿಗೆ ನುಂಗುವುದು ವಾಡಿಕೆ. ಕಬ್ಬಿಣಾಂಶದ ಮಾತ್ರೆಯನ್ನೂ ದೂರ ಇಡಬೇಕು. ಹಾಗೆಂದು ಬೇಳೆ, ಮೊಟ್ಟೆಯನ್ನೇ ಬಿಟ್ಟರೆ ಮೈ ಸೊರಗುತ್ತದೆ. ಹೊತ್ತು ಹೊಂದಿಸಿಕೊಂಡರೆ ಸಾಕು. ಮೂಳೆ ಮುರಿತಕ್ಕೋ ಇನ್ನೊಂದಕ್ಕೋ ಆಸ್ಪತ್ರೆ ಸೇರಿದಾಗ ಎಂಟು ಗಂಟೆಯ ಮಾತ್ರೆ ಹನ್ನೊಂದಕ್ಕೆ ಸಿಗುವುದು ಸಾಮಾನ್ಯ. ಪಾರ್ಕಿನ್ಸನ್ ರೋಗಿಗೆ ಆ ಮೂರು ಗಂಟೆ ಹೊರಳಲೂ ಆಗದ ಮೂರು ಗಂಟೆ. ಲೆವೊಡೋಪಾವನ್ನು ಏಕಾಏಕಿ ನಿಲ್ಲಿಸಿದರೆ ಜ್ವರ, ವಿಪರೀತ ಬಿಗಿತದೊಂದಿಗೆ ಪ್ರಾಣಕ್ಕೇ ಅಪಾಯ ಬರಬಹುದು. ವಾಂತಿಗೆ ಮೆಟೊಕ್ಲೊಪ್ರಮೈಡ್ ಚುಚ್ಚಿದರೆ ಲಕ್ಷಣಗಳು ಉಲ್ಬಣಿಸುತ್ತವೆ.

ಲೆವೊಡೋಪಾಕ್ಕೆ ಒತ್ತಾಸೆಯಾಗಿ ಬೇರೆ ಔಷಧಗಳಿವೆ. ಪ್ರಮಿಪೆಕ್ಸೋಲ್, ರೊಪಿನಿರೋಲ್ ಡೋಪಮಿನ್‌ನ ಸೋಗು ಹಾಕಿ ಅದರ ಗ್ರಾಹಕಗಳನ್ನು ತಾವೇ ಪ್ರಚೋದಿಸುತ್ತವೆ. ಹೆಚ್ಚು ಹೊತ್ತು ನಿಲ್ಲುತ್ತವೆ. ಇವುಗಳ ಒಂದು ಅಡ್ಡಪರಿಣಾಮವನ್ನು ಮನೆಯವರಿಗೆ ಮೊದಲೇ ಹೇಳಿಡಬೇಕು. ಜೀವಮಾನದಲ್ಲಿ ಇಸ್ಪೀಟು ಮುಟ್ಟದವರು ಮೊಬೈಲಿನಲ್ಲಿ ಜೂಜಾಡಿ ಹಣ ಕಳೆಯಬಹುದು. ಕೊಳ್ಳುವ, ತಿನ್ನುವ, ಲೈಂಗಿಕ ಹಂಬಲ ಮಿತಿಮೀರಬಹುದು. ಅದು ನಡತೆ ಕೆಟ್ಟದ್ದರಿಂದಲ್ಲ, ಔಷಧದಿಂದ. ಡೋಸ್ ಇಳಿಸಿದರೆ ಸಾಮಾನ್ಯವಾಗಿ ತಗ್ಗುತ್ತದೆ. ನಾಚಿಕೆಯಿಂದ ಯಾರೂ ಬಾಯಿ ಬಿಡದೆ ಸಂಸಾರಗಳು ಒಡೆಯುವುದು ನೋವಿನ ಸಂಗತಿ. ರಸಾಜಿಲಿನ್, ಸೆಲೆಜಿಲಿನ್ ಮಿದುಳಿನಲ್ಲಿ ಡೋಪಮಿನ್ ಒಡೆಯುವುದನ್ನು ನಿಧಾನಿಸುತ್ತವೆ. ಎಂಟಕಪೋನ್ ಲೆವೊಡೋಪಾದ ಆಯುಷ್ಯವನ್ನೇ ಹಿಗ್ಗಿಸುತ್ತದೆ. ಅದರಿಂದ ಮೂತ್ರ ಕಿತ್ತಳೆ ಬಣ್ಣಕ್ಕೆ ತಿರುಗಿದರೆ ಹೆದರಬೇಕಿಲ್ಲ. ಫ್ಲೂಗೆಂದು ಬಂದ ಅಮಾಂಟಡೀನ್ ಇಂದು ಡಿಸ್ಕಿನೇಸಿಯಾ ತಗ್ಗಿಸಲು ಬಳಕೆಯಲ್ಲಿದೆ. ನಡುಕಕ್ಕೆ ಕೊಡುವ ಟ್ರೈಹೆಕ್ಸಿಫೆನಿಡಿಲ್ ವಯಸ್ಸಾದವರಲ್ಲಿ ಮರೆವು, ಗೊಂದಲ ತರುವುದರಿಂದ ಕಿರಿಯರಿಗಷ್ಟೇ ಸೂಕ್ತ.

ನಸುಗುನ್ನಿಯ ವಿಚಾರ ಕರ್ನಾಟಕದ ಮನೆಗಳಲ್ಲಿ ತಪ್ಪದೆ ಬರುತ್ತದೆ. ಮುಟ್ಟಿದರೆ ಮೈಯೆಲ್ಲ ತುರಿಸುವ ಕಾಯಿಯ ಈ ಬಳ್ಳಿಯ ಬೀಜದಲ್ಲಿ ಇರುವುದು ಲೆವೊಡೋಪಾವೇ. 1937ರಲ್ಲಿ ದಾಮೋದರನ್ ಮತ್ತು ರಾಮಸ್ವಾಮಿ ಎಂಬ ಭಾರತೀಯ ವಿಜ್ಞಾನಿಗಳು ಅದನ್ನು ಬೇರ್ಪಡಿಸಿದರು. ಆಯುರ್ವೇದ ಕಂಪವಾತವೆನ್ನುವ ನಡುಕದ ಕಾಯಿಲೆಗೆ ಈ ಬೀಜವನ್ನು ಬಳಸುವುದಕ್ಕೆ ಗಟ್ಟಿಯಾದ ಕಾರಣವಿದೆ, ಸಣ್ಣ ಪ್ರಯೋಗಗಳಲ್ಲೂ ಅದು ಚೆನ್ನಾಗಿ ಕೆಲಸ ಮಾಡಿದೆ. ಆದರೆ ಪುಡಿಯಿಂದ ಪುಡಿಗೆ ಲೆವೊಡೋಪಾ ಪ್ರಮಾಣ ಬದಲಾಗುತ್ತದೆ, ಜೊತೆಗೆ ಕಾರ್ಬಿಡೋಪಾ ಇಲ್ಲ. ವೈದ್ಯರಿಗೆ ಹೇಳದೆ ಮಾತ್ರೆಯ ಜೊತೆ ಪುಡಿಯನ್ನೂ ತೆಗೆದುಕೊಂಡರೆ ಎರಡರ ಡೋಸ್ ಕೂಡಿ ಡಿಸ್ಕಿನೇಸಿಯಾ, ಭ್ರಮೆ ಕಾಣಿಸಿಕೊಳ್ಳಬಹುದು.

ಮಾತ್ರೆಯಿಂದ ಏರಿಳಿತ ಹತೋಟಿಗೆ ಬರದಿದ್ದಾಗ ಶಸ್ತ್ರಚಿಕಿತ್ಸೆಯ ಮಾತು ಬರುತ್ತದೆ. ಫ್ರಾನ್ಸಿನ ಗ್ರೆನೋಬ್ಲ್‌ನಲ್ಲಿ 1987ರಲ್ಲಿ ಅಲಿಂ ಲೂಯಿ ಬೆನಾಬಿಡ್ ಅವರ ತಂಡ ರೂಪಿಸಿದ ಡೀಪ್ ಬ್ರೇನ್ ಸ್ಟಿಮ್ಯುಲೇಶನ್ (ಡಿಬಿಎಸ್) ಇದರಲ್ಲಿ ಮುಖ್ಯ. ತಲೆಬುರುಡೆಯಲ್ಲಿ ಸಣ್ಣ ರಂಧ್ರ ಕೊರೆದು, ಮಿದುಳಿನ ಆಳದ ಸಬ್‌ಥಲಾಮಿಕ್ ನ್ಯೂಕ್ಲಿಯಸ್ ಎಂಬ ಕೇಂದ್ರಕ್ಕೆ ಮಿಲಿಮೀಟರಿನ ಲೆಕ್ಕದಲ್ಲಿ ತೆಳುವಾದ ತಂತಿ ಇಳಿಸುತ್ತಾರೆ. ಕೊರಳೆಲುಬಿನ ಕೆಳಗೆ ಚರ್ಮದಡಿ ಕೂಡಿಸಿದ ಬ್ಯಾಟರಿ ಅದಕ್ಕೆ ಸೆಕೆಂಡಿಗೆ ನೂರಕ್ಕೂ ಹೆಚ್ಚು ಸಲ ಮಿಡಿತ ಕಳಿಸುತ್ತದೆ. ಎಷ್ಟೋ ಕಡೆ ರೋಗಿ ಎಚ್ಚರವಿದ್ದಾಗಲೇ ಇದು ನಡೆಯುತ್ತದೆ: ತಂತಿ ಸರಿಯಾದ ಜಾಗ ಮುಟ್ಟಿ ವಿದ್ಯುತ್ ಹರಿಸಿದೊಡನೆ ಬಿಗಿದಿದ್ದ ಮಣಿಕಟ್ಟು ಸಡಿಲವಾಗುವುದು ವೈದ್ಯರ ಕೈಗೇ ತಿಳಿಯುತ್ತದೆ. ಬೆಂಗಳೂರಿನ ನಿಮ್ಹಾನ್ಸ್ ಸೇರಿ ದೇಶದ ಹಲವೆಡೆ ಇದು ಲಭ್ಯ. ಉಪಕರಣವೂ ಸೇರಿ ಹಲವು ಲಕ್ಷ ರೂಪಾಯಿ ಬೇಕು.

ಯಾರಿಗೆ ಡಿಬಿಎಸ್ ಒದಗುತ್ತದೆ ಎನ್ನುವುದನ್ನು ಮೊದಲೇ ಅಳೆಯಬಹುದು. ಹಿಂದಿನ ರಾತ್ರಿ ಮಾತ್ರೆ ನಿಲ್ಲಿಸಿ ಬೆಳಿಗ್ಗೆ ರೋಗಿಯ ಚಲನೆಗೆ ಅಂಕ ಹಾಕುತ್ತಾರೆ, ಮಾತ್ರೆ ಕೊಟ್ಟು ಹಿಡಿದ ಮೇಲೆ ಇನ್ನೊಮ್ಮೆ ಹಾಕುತ್ತಾರೆ. ಕನಿಷ್ಠ ಶೇ 30ರಷ್ಟಾದರೂ ಸುಧಾರಣೆ ಇರಬೇಕು. ನಡುಕವೊಂದನ್ನು ಬಿಟ್ಟರೆ, ಲೆವೊಡೋಪಾಕ್ಕೆ ಬಗ್ಗದ ತೊಂದರೆ ಡಿಬಿಎಸ್‌ಗೂ ಬಗ್ಗುವುದಿಲ್ಲ. ಮಾತಿನ ತೊದಲು, ಪದೇ ಪದೇ ಬೀಳುವುದು, ಮರೆವು ಮುಖ್ಯ ತೊಂದರೆಯಾಗಿರುವವರಿಗೆ ಶಸ್ತ್ರಚಿಕಿತ್ಸೆ ಮಾಡಿಸಿದರೆ ನಿರಾಸೆಯೇ ಗತಿ. ತಲೆ ಕೊರೆಯದೆ, ಎಂಆರ್‌ಐ ಯಂತ್ರದೊಳಗೆ ಶ್ರವಣಾತೀತ ಅಲೆಗಳನ್ನು ಒಂದೇ ಬಿಂದುವಿಗೆ ಸೇರಿಸಿ ಅಲ್ಲಿನ ಅಂಗಾಂಶವನ್ನು ಸುಡುವ ಫೋಕಸ್ಡ್ ಅಲ್ಟ್ರಾಸೌಂಡ್ ಒಂದೇ ಪಕ್ಕದ ನಡುಕ ಜೋರಾಗಿರುವವರಿಗೆ ಸಲ್ಲುತ್ತದೆ. ಡಿಬಿಎಸ್‌ನಂತೆ ಆಮೇಲೆ ಹೊಂದಿಸಲು ಬರುವುದಿಲ್ಲ. ಔಷಧವನ್ನು ಪಂಪಿನ ಮೂಲಕ ಸತತವಾಗಿ ಹರಿಸುವ ದಾರಿಯೂ ಇದೆ: ಚರ್ಮದಡಿಗೆ ಅಪೊಮಾರ್ಫಿನ್, ಕರುಳಿಗೆ ಲೆವೊಡೋಪಾ ಜೆಲ್. ಚರ್ಮದಡಿಗೇ ಹರಿಸಬಲ್ಲ ಫಾಸ್‌ಲೆವೊಡೋಪಾಕ್ಕೆ ಅಮೆರಿಕದಲ್ಲಿ 2024ರಲ್ಲಿ ಅನುಮತಿ ಸಿಕ್ಕಿತು.

ವ್ಯಾಯಾಮವನ್ನು ಚಿಕಿತ್ಸೆಯ ಬಾಲಂಗೋಚಿಯಂತೆ ಕಾಣುವುದು ತಪ್ಪು. ಮೊದಲ ದಿನದಿಂದಲೇ ಅದು ಬೇಕು. ಬಿರುಸು ನಡಿಗೆ, ಸೈಕಲ್, ಯೋಗ, ನೃತ್ಯ, ತೈಚಿ, ಯಾವುದಾದರೂ ಸರಿ, ಉಸಿರು ಏರುವಷ್ಟು ಮತ್ತು ಬಿಡದೆ. ಕುಗ್ಗಿದ ದನಿಗೆ ಗಟ್ಟಿಯಾಗಿ ಮಾತಾಡುವ ತರಬೇತಿ ಇದೆ, ನುಂಗುವ ತೊಂದರೆಗೂ ಸ್ಪೀಚ್ ಥೆರಪಿಸ್ಟರ ನೆರವು ಬೇಕು. ನಡೆಯುತ್ತಿದ್ದವರು ಹೊಸ್ತಿಲ ಬಳಿ ಬಂದೊಡನೆ ಕಾಲು ನೆಲಕ್ಕೆ ಅಂಟಿದಂತೆ ನಿಂತುಬಿಡುವುದು ಈ ಕಾಯಿಲೆಯ ವಿಚಿತ್ರ. ಅದೇ ವ್ಯಕ್ತಿ ಮೆಟ್ಟಿಲನ್ನು ಸಲೀಸಾಗಿ ಹತ್ತಬಲ್ಲ, ಏಕೆಂದರೆ ಕಣ್ಣಿಗೆ ಗುರುತು ಕಂಡರೆ ಮಿದುಳು ಬೇರೊಂದು ಜಾಡಿನಿಂದ ಹೆಜ್ಜೆ ಎತ್ತಿಸುತ್ತದೆ. ಬಾಗಿಲ ಬಳಿ ನೆಲಕ್ಕೆ ಅಡ್ಡಡ್ಡ ಬಣ್ಣದ ಟೇಪು ಅಂಟಿಸಿದರೆ, ‘ಒಂದು, ಎರಡು’ ಎಂದು ಎಣಿಸಿದರೆ ಕಾಲು ಏಳುತ್ತದೆ. ತೋಳು ಹಿಡಿದು ಎಳೆದರೆ ಬೀಳುತ್ತಾರೆ.

ಮಲಬದ್ಧತೆ, ಖಿನ್ನತೆ, ನಿದ್ದೆಯಲ್ಲಿ ಕೂಗಾಟ, ಎದ್ದು ನಿಂತಾಗ ರಕ್ತದೊತ್ತಡ ಕುಸಿಯುವುದು ಇವೂ ಕಾಯಿಲೆಯ ಅಂಗಗಳೇ. ಒಂದೊಂದಕ್ಕೂ ಬೇರೆ ಚಿಕಿತ್ಸೆಯಿದೆ, ಕೇಳಿದರೆ ಮಾತ್ರ ಸಿಗುತ್ತದೆ. ಇಲ್ಲದ್ದು ಕಣ್ಣಿಗೆ ಕಾಣತೊಡಗಿದರೆ ಮೊದಲು ಪಾರ್ಕಿನ್ಸನ್ ಮಾತ್ರೆಗಳನ್ನು ವೈದ್ಯರು ಕಡಿಮೆ ಮಾಡುತ್ತಾರೆ. ಸಾಲದಿದ್ದರೆ ಕ್ವೆಟಿಯಪಿನ್ ಅಥವಾ ಕ್ಲೊಜಪಿನ್ ಕೊಡುತ್ತಾರೆ. ಹ್ಯಾಲೊಪೆರಿಡಾಲ್ ಕೂಡದು.

ಸತ್ತ ಕೋಶಗಳ ಜಾಗಕ್ಕೆ ಹೊಸವನ್ನು ನೆಡುವ ಪ್ರಯತ್ನಕ್ಕೆ ಈಗ ಬಲ ಬಂದಿದೆ. 2025ರ ಏಪ್ರಿಲ್‌ನಲ್ಲಿ ಜಪಾನಿನ ಕ್ಯೋಟೊ ಮತ್ತು ಉತ್ತರ ಅಮೆರಿಕದ ಎರಡು ತಂಡಗಳು ಕಾಂಡಕೋಶಗಳಿಂದ ಬೆಳೆಸಿದ ಡೋಪಮಿನ್ ಕೋಶಗಳನ್ನು ಕ್ರಮವಾಗಿ 7 ಮತ್ತು 12 ರೋಗಿಗಳ ಮಿದುಳಿಗೆ ಕಸಿ ಮಾಡಿದ ಫಲಿತಾಂಶ ಪ್ರಕಟಿಸಿದವು. ಕಸಿ ಉಳಿದಿದೆ, ಗಂಭೀರ ಅಪಾಯ ಕಂಡಿಲ್ಲ; ಎಷ್ಟು ಗುಣವೆಂದು ತಿಳಿಯಲು ಇಷ್ಟು ಸಣ್ಣ ಸಂಖ್ಯೆ ಸಾಲದು. ಭಾರತದ 2017ರ ರಾಷ್ಟ್ರೀಯ ಮಾರ್ಗಸೂಚಿಯ ಪ್ರಕಾರ ಪಾರ್ಕಿನ್ಸನ್‌ಗೆ ಕಾಂಡಕೋಶ ಕೊಡಬಹುದಾದದ್ದು ಅನುಮತಿ ಪಡೆದ ಪ್ರಯೋಗದೊಳಗೆ ಮಾತ್ರ. ಅದನ್ನು ಸಿದ್ಧ ಚಿಕಿತ್ಸೆಯೆಂದು ಹಣಕ್ಕೆ ಮಾರುವಂತಿಲ್ಲ.