ಕಣಚಿಕಿತ್ಸೆಯ ಪೂರ್ವಕರ್ಮ

ರೋಗಿಯು ಕೃಶನಾಗಿರುವಾಗ ಮೊದಲು ಅವನಿಗೆ ಬಲವು ಬರಲಿ, ಉಳಿದ ಚಿಕಿತ್ಸೆಯು ಆಮೇಲೆ ನಡೆಯಲಿ ಎಂದು ಬಯಸುವುದು ಲೋಕರೂಢಿ. ಗಂಜಿಯೋ ಹಾಲೋ ಹಣ್ಣಿನ ರಸವೋ ಏನಾದರೊಂದನ್ನು ಕುಡಿಸಿದ ಹೊರತು ಮನೆಯ ಹೆಂಗಸರಿಗೆ ಸಮಾಧಾನವಿರುವುದಿಲ್ಲ. ಹೀಗಿರಲು ವೈದ್ಯರೇ ಬಂದು, "ಈತನ ಶರೀರದಲ್ಲಿ ರೋಗಗಳೊಡನೆ ಹೋರಾಡುವ ಕಣಗಳಲ್ಲಿ ಬಹುಭಾಗವನ್ನು ಮೂರು ದಿನಗಳ ಔಷಧದಿಂದ ಇಲ್ಲದಂತೆ ಮಾಡುತ್ತೇವೆ, ಇದಕ್ಕೆ ಒಪ್ಪಿ ಸಹಿ ಮಾಡಿರಿ" ಎಂದರೆ ಮನೆಯವರ ಎದೆ ನಡುಗುವುದು ಸಹಜವಲ್ಲವೆ?

ಕಳೆದ ವರ್ಷ ನಮ್ಮ ಹಳೆಯ ವಿದ್ಯಾರ್ಥಿಯೊಬ್ಬನ ಮನೆಯಲ್ಲಿ ಇಂಥ ಪ್ರಸಂಗವೇ ಒದಗಿತು. ಆತನಿಗೆ ನಲವತ್ತೆರಡು ವರ್ಷ. ಲಿಂಫೋಮವೆಂಬ ಅರ್ಬುದರೋಗವು ಎರಡು ಸಾರಿ ಔಷಧಗಳಿಗೆ ಅಡಗಿ, ಎರಡು ಸಾರಿಯೂ ಮತ್ತೆ ಹೆಡೆಯೆತ್ತಿತ್ತು. ಈಗ ಕಣಚಿಕಿತ್ಸೆಯೊಂದೇ ಒಳ್ಳೆಯ ದಾರಿಯೆಂದು ವೈದ್ಯರು ಹೇಳಿದ್ದರು. ಒಪ್ಪಿಗೆಯ ಕಾಗದವನ್ನು ಹಿಡಿದುಕೊಂಡು ಆತನ ಹೆಂಡತಿಯೂ ತಾಯಿಯೂ ನಮ್ಮಲ್ಲಿಗೆ ಬಂದರು. ಎಪ್ಪತ್ತು ದಾಟಿದ ಆ ತಾಯಿ ಕೇಳಿದ ಪ್ರಶ್ನೆಯು ಇಂದಿಗೂ ನಮ್ಮ ಕಿವಿಯಲ್ಲಿದೆ: "ಮೇಷ್ಟ್ರೇ, ನೀವು ಓದಿದವರು. ಮನೆಗೆ ಕಳ್ಳ ನುಗ್ಗಿದನೆಂದು ಯಾರಾದರೂ ಕಾವಲುಗಾರನನ್ನೇ ಹೊಡೆದು ಹಾಕುತ್ತಾರೆಯೇ?"

ನಮಗೆ ಆಗ ಉತ್ತರವು ತೋಚಲಿಲ್ಲ. ನಿಜ ಹೇಳಬೇಕಾದರೆ, ಆಕೆಯ ಮಾತೇ ಸರಿಯೆಂದು ತೋರಿತು. ಆದರೂ ತಿಳಿಯದೆ ಸಲಹೆ ಕೊಡುವುದು ಅಧರ್ಮವೆಂದು, ಎರಡು ದಿನ ತಡೆಯಲು ಹೇಳಿ, ಬಲ್ಲ ವೈದ್ಯರನ್ನು ವಿಚಾರಿಸಿ ಗ್ರಂಥಗಳನ್ನು ನೋಡಿದೆವು. ಅಂದು ಆ ತಾಯಿಗೆ ಹೇಳಿದುದನ್ನೇ ಇಲ್ಲಿ ವಾಚಕರ ಮುಂದೆ ಇಡುತ್ತಿದ್ದೇವೆ.

ಸುಶ್ರುತಸಂಹಿತೆಯು ವೈದ್ಯನ ಕರ್ಮವನ್ನು ಪೂರ್ವಕರ್ಮ, ಪ್ರಧಾನಕರ್ಮ, ಪಶ್ಚಾತ್ಕರ್ಮ ಎಂದು ಮೂರಾಗಿ ವಿಂಗಡಿಸುತ್ತದೆ. ಸಂಹಿತಾಕಾರನಿಗೆ ಇಂದಿನ ಕಣಚಿಕಿತ್ಸೆಯು ತಿಳಿದಿತ್ತೆಂದು ಹೇಳುವವರು ನಾವಲ್ಲ. ವಿಷಯವನ್ನು ವಿಭಾಗಿಸುವುದಕ್ಕೆ ಈ ಹೆಸರುಗಳು ಅನುಕೂಲವಾಗಿರುವುದರಿಂದ ಎರವಲು ಪಡೆದಿದ್ದೇವೆ, ಅಷ್ಟೇ.

ಮೊದಲು ಪ್ರಧಾನಕರ್ಮವೇನೆಂಬುದನ್ನು ತಿಳಿಯೋಣ. ನಮ್ಮ ರಕ್ತದಲ್ಲಿರುವ ಬಿಳಿಯ ಕಣಗಳಲ್ಲಿ ಲಿಂಫೊಸೈಟುಗಳೆಂಬುದು ಒಂದು ವರ್ಗ. ಅವುಗಳಲ್ಲಿ ಬಿ-ಕಣಗಳು ರೋಗಾಣುಗಳನ್ನು ಹಿಡಿಯುವ ಪ್ರತಿಕಾಯಗಳನ್ನು ತಯಾರಿಸುವುವು. ಟಿ-ಕಣಗಳಲ್ಲಿ ಕೆಲವು, ಸೋಂಕು ತಗುಲಿದ ಕಣಗಳನ್ನು ತಾವೇ ಹುಡುಕಿ ಕೊಲ್ಲುವುವು. ನಮ್ಮ ವಿದ್ಯಾರ್ಥಿಗೆ ಬಂದಿದ್ದುದು ಬಿ-ಕಣಗಳೇ ಕೆಟ್ಟು ಅಳತೆಮೀರಿ ಬೆಳೆಯುವ ರೋಗ. ಮನೆಯವರಲ್ಲೇ ಒಬ್ಬನು ಕಳ್ಳನಾದಾಗ ಕಾವಲುಗಾರನು ಯಾರನ್ನೆಂದು ತಡೆದಾನು? ಟಿ-ಕಣಗಳಿಗೂ ಹಾಗೆಯೇ ಗುರುತು ಸಿಕ್ಕುವುದಿಲ್ಲ.

ಆದುದರಿಂದ ರೋಗಿಯ ರಕ್ತವನ್ನು ಯಂತ್ರವೊಂದರ ಮೂಲಕ ಹಾಯಿಸಿ, ಟಿ-ಕಣಗಳನ್ನು ಬೇರ್ಪಡಿಸಿಕೊಂಡು, ಉಳಿದ ರಕ್ತವನ್ನು ಅವನಿಗೇ ಹಿಂದಿರುಗಿಸುವರು. ರೋಗವನ್ನುಂಟುಮಾಡುವ ಶಕ್ತಿಯನ್ನು ಕಳೆದ ವೈರಸ್ಸನ್ನು ವಾಹನವಾಗಿ ಮಾಡಿಕೊಂಡು, ಪ್ರಯೋಗಶಾಲೆಯಲ್ಲಿ ಆ ಟಿ-ಕಣಗಳೊಳಗೆ ಹೊಸದೊಂದು ಜೀನನ್ನು ಸೇರಿಸುವರು. ಅದರ ಫಲವಾಗಿ ಕಣದ ಹೊರಮೈಯಲ್ಲಿ ಒಂದು ಗ್ರಾಹಕವು ಮೂಡುವುದು. ಅದು ಬಿ-ಕಣಗಳ ಮೇಲಿರುವ ಸಿಡಿ-೧೯ ಎಂಬ ಗುರುತನ್ನು ಕಂಡೊಡನೆ ಹಿಡಿಯುವುದು. ಈ ಗ್ರಾಹಕಕ್ಕೆ 'ಕೈಮೆರಿಕ್ ಆಂಟಿಜೆನ್ ರಿಸೆಪ್ಟರ್' ಎಂದು ಹೆಸರು. ಮೊದಲ ಅಕ್ಷರಗಳನ್ನು ಕೂಡಿಸಿ 'ಕಾರ್' ಎನ್ನುವರು. ಮೋಟಾರು ಗಾಡಿಗೂ ಇದಕ್ಕೂ ಸಂಬಂಧವಿಲ್ಲ. ಕೈಮೆರವೆಂಬುದು ಗ್ರೀಕರ ಪುರಾಣದಲ್ಲಿ ಸಿಂಹ, ಮೇಕೆ, ಸರ್ಪಗಳು ಕೂಡಿದ ಪ್ರಾಣಿ. ನಮ್ಮ ದೇವಾಲಯಗಳ ಮಕರದಂತೆ ಎನ್ನಬಹುದು. ಹಲವು ಮೂಲಗಳ ತುಂಡುಗಳನ್ನು ಜೋಡಿಸಿ ಮಾಡಿದ ಗ್ರಾಹಕವಾದ್ದರಿಂದ ಈ ಹೆಸರು. ಹೀಗೆ ಸಿದ್ಧವಾದ ಕಣಗಳನ್ನು ಬೆಳೆಸಿ, ಪರೀಕ್ಷಿಸಿ, ಕೆಲವು ವಾರಗಳ ಮೇಲೆ ರೋಗಿಯ ರಕ್ತನಾಳದೊಳಕ್ಕೆ ಬಿಡುವರು.

ಇಲ್ಲಿ ಪೂರ್ವಪಕ್ಷವು ಏಳುತ್ತದೆ: ಕಣಗಳು ಸಿದ್ಧವಾಗಿದ್ದರೆ ನೆಟ್ಟಗೆ ಒಳಗೆ ಬಿಡಬಾರದೇಕೆ? ಇದ್ದ ಕಣಗಳನ್ನು ಕೊಲ್ಲುವ ಪೂರ್ವಕರ್ಮವೇತಕ್ಕೆ?

ಸಮಾಧಾನವು ಅನುಭವದಿಂದ ಬಂದುದು. ಅಮೆರಿಕದ ಬೆಥೆಸ್ಡದಲ್ಲಿರುವ ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆಯಲ್ಲಿ ಸ್ಟೀವನ್ ರೋಸೆನ್‌ಬರ್ಗ್ ಎಂಬ ಶಸ್ತ್ರವೈದ್ಯರು, ಮೆಲನೋಮವೆಂಬ ಚರ್ಮದ ಅರ್ಬುದದಲ್ಲಿ ಗೆಡ್ಡೆಯೊಳಗಿಂದಲೇ ಲಿಂಫೊಸೈಟುಗಳನ್ನು ತೆಗೆದು, ಬೆಳೆಸಿ, ರೋಗಿಗೆ ಹಿಂದಿರುಗಿಸುವ ಚಿಕಿತ್ಸೆಯ ಫಲವನ್ನು ೧೯೮೮ರಲ್ಲಿ ಪ್ರಕಟಿಸಿದರು. ಕೆಲವರಲ್ಲಿ ಗುಣ ಕಂಡಿತು. ಆದರೆ ಹಾಕಿದ ಕಣಗಳು ಅನೇಕರಲ್ಲಿ ಬಹುಕಾಲ ಉಳಿಯಲಿಲ್ಲ. ಇಲಿಗಳ ಮೇಲೆ ನಡೆದ ಪ್ರಯೋಗಗಳಲ್ಲಾದರೋ, ಮೊದಲು ಶರೀರದ ಲಿಂಫೊಸೈಟುಗಳನ್ನು ತಗ್ಗಿಸಿ ಆಮೇಲೆ ಕಣಗಳನ್ನು ಕೊಟ್ಟರೆ ಅವು ಚೆನ್ನಾಗಿ ಕೆಲಸಮಾಡುವುದು ಕಂಡುಬಂದಿತ್ತು. ಈ ಕ್ರಮವನ್ನು ಅನುಸರಿಸಿ ಆ ತಂಡದವರು ೧೩ ಮಂದಿ ರೋಗಿಗಳಿಗೆ ಸೈಕ್ಲೊಫಾಸ್ಫಮೈಡ್, ಫ್ಲುಡರಬಿನ್ ಎಂಬ ಎರಡು ಔಷಧಗಳನ್ನು ಮೊದಲು ಕೊಟ್ಟು ಬಳಿಕ ಕಣಗಳನ್ನು ಕೊಟ್ಟರು. ೬ ಮಂದಿಯಲ್ಲಿ ಗೆಡ್ಡೆಗಳು ಗಣನೀಯವಾಗಿ ಕುಗ್ಗಿದುವೆಂದು ೨೦೦೨ರಲ್ಲಿ ಪ್ರಕಟವಾಯಿತು. ಕೆಲವರ ರಕ್ತದಲ್ಲಿ ಹೊಸ ಕಣಗಳೇ ಬಹುಸಂಖ್ಯೆಯಲ್ಲಿ ನೆಲೆಸಿದ್ದುವು. ಕಾರ್ ಕಣಗಳನ್ನು ಕೊಡುವವರೂ ಮುಂದೆ ಇದೇ ಪೂರ್ವಕರ್ಮವನ್ನು ಕೈಕೊಂಡರು. ಲಿಂಫೊಡಿಪ್ಲಿಷನ್ ಎಂದು ಇದರ ಹೆಸರು.

ಇದರಿಂದಾಗುವ ಉಪಕಾರಗಳು ಮುಖ್ಯವಾಗಿ ಮೂರು.

ಮೊದಲನೆಯದು ಅನ್ನದ ವಿಚಾರ. ಟಿ-ಕಣಗಳು ಬದುಕಿ ವೃದ್ಧಿಯಾಗಬೇಕಾದರೆ ಇಂಟರ್‌ಲ್ಯೂಕಿನ್-೭, ಇಂಟರ್‌ಲ್ಯೂಕಿನ್-೧೫ ಎಂಬ ಪದಾರ್ಥಗಳು ಬೇಕು. ಶರೀರವು ಇವನ್ನು ಮಿತವಾಗಿಯೇ ಒದಗಿಸುತ್ತದೆ. ನೂರು ಎಲೆಗೆ ಅಡುಗೆಯಾದ ಛತ್ರದಲ್ಲಿ ನೂರು ಮಂದಿಯೂ ಕುಳಿತುಬಿಟ್ಟರೆ, ತಡವಾಗಿ ಬಂದವರಿಗೆ ಏನು ಸಿಕ್ಕೀತು? ಪಂಕ್ತಿಯು ತೆರವಾದರೆ ಅದೇ ಅಡುಗೆ ಹೊಸಬರಿಗೆ ಯಥೇಚ್ಛವಾಗುತ್ತದೆ. ಈ ಸಂಗತಿಯನ್ನು ಅದೇ ಸಂಸ್ಥೆಯವರು ಇಲಿಗಳಲ್ಲಿ ಪರೀಕ್ಷಿಸಿ ೨೦೦೫ರಲ್ಲಿ ತಿಳಿಸಿದರು.

ಎರಡನೆಯದು, ತಡೆಯುವವರನ್ನು ತಗ್ಗಿಸುವುದು. ಟಿ-ಕಣಗಳಲ್ಲಿ ಒಂದು ಜಾತಿಯವು ಇತರ ಕಣಗಳ ಆವೇಶವನ್ನು ಅಡಗಿಸುವುವು. ಆರೋಗ್ಯವಂತನಲ್ಲಿ ಇದು ಹಿತವೇ. ಇಲ್ಲವಾದರೆ ಕಾವಲುಗಾರರು ಸ್ವಂತ ಮನೆಯವರನ್ನೇ ಬಡಿಯುವರು. ಆದರೆ ಅರ್ಬುದದೊಡನೆ ಹೋರಾಡಬೇಕಾದ ಹೊಸ ಕಣಗಳ ಕೈಯನ್ನೂ ಇವು ಹಿಡಿಯುವುದರಿಂದ, ಕೆಲವು ಕಾಲ ಇವು ಇಲ್ಲದಿರುವುದು ಮೇಲು.

ಮೂರನೆಯದು, ಹೊಸಬರನ್ನು ಪರಕೀಯರೆಂದು ಹೊರದೂಡದಂತೆ ನೋಡಿಕೊಳ್ಳುವುದು. ಅನೇಕ ಕಾರ್ ಗ್ರಾಹಕಗಳಲ್ಲಿ ಗುರುತು ಹಿಡಿಯುವ ತುಂಡು ಇಲಿಯ ಪ್ರತಿಕಾಯದಿಂದ ಬಂದುದು. ಶರೀರವು ಅದನ್ನು ಕಂಡು ಕೆರಳಬಹುದು. ಸಿಯಾಟಲ್ ನಗರದ ಫ್ರೆಡ್ ಹಚಿನ್ಸನ್ ಕೇಂದ್ರದ ವೈದ್ಯರು ೨೦೧೬ರಲ್ಲಿ ಪ್ರಕಟಿಸಿದ ವರದಿಗಳಂತೆ, ಸೈಕ್ಲೊಫಾಸ್ಫಮೈಡ್ ಜೊತೆಗೆ ಫ್ಲುಡರಬಿನ್ನನ್ನೂ ಕೊಟ್ಟವರಲ್ಲಿ ಕಾರ್ ಕಣಗಳು ಹೆಚ್ಚು ವೃದ್ಧಿಯಾಗಿ ಹೆಚ್ಚು ಕಾಲ ಉಳಿದುವು.

ಹೀಗೆ ಆ ತಾಯಿಯ ಪ್ರಶ್ನೆಗೆ ಉತ್ತರ ಸಿಕ್ಕಿತು. ಹಳೆಯ ಕಾವಲುಗಾರರನ್ನು ಕಳುಹಿಸುವುದು ಮನೆಯನ್ನು ಬಯಲಾಗಿ ಬಿಡುವುದಕ್ಕಲ್ಲ. ಕಳ್ಳನ ಮುಖವನ್ನು ಬಲ್ಲ ಹೊಸ ಕಾವಲುಗಾರರು ಬಂದು ಉಂಡು ನೆಲೆಸುವುದಕ್ಕೆ. ಅದೂ ಶಾಶ್ವತವಾಗಿ ಅಲ್ಲ. ರಕ್ತಕಣಗಳಿಗೆಲ್ಲ ತವರಾದ ಅಸ್ಥಿಮಜ್ಜೆಯನ್ನು ಪೂರ್ಣವಾಗಿ ನಾಶಮಾಡುವಷ್ಟು ಔಷಧವನ್ನು ಇಲ್ಲಿ ಕೊಡುವುದಿಲ್ಲ. ಆದ್ದರಿಂದ ಕಣಗಳು ಮತ್ತೆ ಹುಟ್ಟುವುವು. ಕೆಲವರಲ್ಲಿ ವಾರಗಳು, ಕೆಲವರಲ್ಲಿ ತಿಂಗಳುಗಳು ಹಿಡಿಯಬಹುದು.

ಔಷಧಗಳ ವಿಚಾರವಾಗಿ ಒಂದು ಮಾತು. ೧೯೧೭ರ ಜುಲೈ ತಿಂಗಳಲ್ಲಿ ಬೆಲ್ಜಿಯಮ್ಮಿನ ಈಪ್ರ್ ರಣರಂಗದಲ್ಲಿ ಸಾಸಿವೆ ಅನಿಲವೆಂಬ ಘೋರವಿಷವನ್ನು ಪ್ರಯೋಗಿಸಿದರು. ಅದಕ್ಕೆ ಸಿಕ್ಕಿದ ಸೈನಿಕರ ರಕ್ತದಲ್ಲಿ ಬಿಳಿಯ ಕಣಗಳು ಕ್ಷೀಣಿಸಿದುದನ್ನು ವೈದ್ಯರು ಗಮನಿಸಿದರು. ಅದೇ ಕುಲದ ನೈಟ್ರೊಜನ್ ಮಸ್ಟರ್ಡ್ ಎಂಬ ಪದಾರ್ಥವನ್ನು ೧೯೪೨ರಲ್ಲಿ ಅಮೆರಿಕದ ಯೇಲ್ ವಿಶ್ವವಿದ್ಯಾಲಯದಲ್ಲಿ ಲಿಂಫೊಸೈಟುಗಳ ಅರ್ಬುದವಿದ್ದ ರೋಗಿಯೊಬ್ಬನಿಗೆ ಕೊಟ್ಟರು. ಆ ವಂಶದಲ್ಲಿ ೧೯೫೦ರ ದಶಕದಲ್ಲಿ ಜರ್ಮನಿಯಲ್ಲಿ ಹುಟ್ಟಿದುದೇ ಸೈಕ್ಲೊಫಾಸ್ಫಮೈಡ್. ವಿಷವೂ ಯುಕ್ತಿಯಿಂದ ಔಷಧವಾಗುವುದೆಂಬುದಕ್ಕೆ ಇದಕ್ಕಿಂತ ನಿದರ್ಶನ ಬೇಕೆ? ಯುಕ್ತಿಯೆಂದರೆ ಪ್ರಮಾಣ. ಪ್ರಸಿದ್ಧವಾದ ಒಂದು ಕ್ರಮದಲ್ಲಿ, ರೋಗಿಯ ಮೈಯ ವಿಸ್ತಾರದ ಪ್ರತಿ ಚದರ ಮೀಟರಿಗೆ ೫೦೦ ಮಿಲಿಗ್ರಾಂ ಸೈಕ್ಲೊಫಾಸ್ಫಮೈಡ್, ೩೦ ಮಿಲಿಗ್ರಾಂ ಫ್ಲುಡರಬಿನ್ ಲೆಕ್ಕದಲ್ಲಿ, ಕಣಗಳನ್ನು ಕೊಡುವುದಕ್ಕೆ ಐದು, ನಾಲ್ಕು, ಮೂರು ದಿನಗಳ ಮುಂಚೆ ಕೊಡುವರು; ಬಳಿಕ ಎರಡು ದಿನ ವಿಶ್ರಾಂತಿ. ಮೂತ್ರಪಿಂಡಗಳು ಬಲಹೀನವಾಗಿದ್ದರೆ ಫ್ಲುಡರಬಿನ್ನನ್ನು ತಗ್ಗಿಸಬೇಕಾಗುವುದು. ಅದು ಮಿತಿಮೀರಿದರೆ ನರಮಂಡಲಕ್ಕೆ ಹಾನಿ. ಸೈಕ್ಲೊಫಾಸ್ಫಮೈಡ್ ಮೂತ್ರಕೋಶವನ್ನು ಕೆರಳಿಸಬಲ್ಲುದಾದ್ದರಿಂದ ದೇಹಕ್ಕೆ ಸಾಕಷ್ಟು ನೀರು ಸೇರುವಂತೆ ನೋಡಿಕೊಳ್ಳುವರು. ಸಂತಾನಶಕ್ತಿಗೂ ಕುಂದು ಬರಬಹುದಾದ್ದರಿಂದ, ಮಕ್ಕಳಾಗಬೇಕೆಂದಿರುವವರು ಸಂಕೋಚಪಡದೆ ಮೊದಲೇ ವೈದ್ಯರನ್ನು ಕೇಳತಕ್ಕದ್ದು.

ಕಣಗಳು ಒಳಹೊಕ್ಕು ಬೇಗನೆ ವೃದ್ಧಿಯಾದಾಗ ತೀವ್ರಜ್ವರವೂ ರಕ್ತದ ಒತ್ತಡದ ಕುಸಿತವೂ ಬರಬಹುದು. ೨೦೧೨ರಲ್ಲಿ ಫಿಲಡೆಲ್ಫಿಯದ ಮಕ್ಕಳ ಆಸ್ಪತ್ರೆಯಲ್ಲಿ ಎಮಿಲಿ ವೈಟ್‌ಹೆಡ್ ಎಂಬ ಆರು ವರ್ಷದ ಬಾಲಕಿಗೆ ಹೀಗಾಗಿ ಪ್ರಾಣಕ್ಕೇ ಸಂಚಕಾರ ಬಂದಿತು. ಸಂಧಿವಾತಕ್ಕೆಂದು ತಯಾರಾಗಿದ್ದ ಟೋಸಿಲಿಜುಮಾಬ್ ಎಂಬ ಔಷಧವು ಆಕೆಯನ್ನು ಉಳಿಸಿತು. ಆಕೆಯ ರಕ್ತದ ಅರ್ಬುದವೂ ಅಡಗಿತು. ಅಂದಿನಿಂದ ಆ ಔಷಧವನ್ನು ಕೈಗೆ ಸಿಕ್ಕುವಂತಿಟ್ಟುಕೊಂಡೇ ಈ ಚಿಕಿತ್ಸೆಗೆ ತೊಡಗುವುದು ವಾಡಿಕೆಯಾಗಿದೆ.

ನಮ್ಮ ದೇಶದಲ್ಲಿ ಮುಂಬಯಿಯ ಐಐಟಿಯವರೂ ಟಾಟಾ ಸ್ಮಾರಕ ಕೇಂದ್ರದವರೂ ಕೂಡಿ ರೂಪಿಸಿದ ನೆಕ್ಸ್‌ಕಾರ್-೧೯ಕ್ಕೆ ೨೦೨೩ರ ಅಕ್ಟೋಬರಿನಲ್ಲಿ ಅನುಮತಿ ದೊರೆಯಿತು. ೨೦೨೪ರ ಏಪ್ರಿಲ್ ೪ರಂದು ರಾಷ್ಟ್ರಪತಿಗಳು ಅದನ್ನು ಲೋಕಾರ್ಪಣೆ ಮಾಡಿದರು. ಬೆಂಗಳೂರಿನ ಇಮ್ಯುನೀಲ್ ಸಂಸ್ಥೆಯವರ ಕಾರ್ಟೆಮಿಯು ೨೦೨೫ರ ಜನವರಿಯಲ್ಲಿ ಹೊರಬಂದಿತು. ಅಮೆರಿಕದಲ್ಲಿ ೨೦೧೭ರಲ್ಲಿ ಮೊದಲು ಅನುಮತಿ ಪಡೆದ ಕಾರ್ ಚಿಕಿತ್ಸೆಯ ಬೆಲೆ ಆಗ ೪,೭೫,೦೦೦ ಡಾಲರಾಗಿತ್ತು. ಇಲ್ಲಿ ಅದಕ್ಕಿಂತ ಬಹಳ ಕಡಿಮೆಯೆಂಬುದು ನಿಜ. ಆದರೂ ಸಾಮಾನ್ಯ ಸಂಸಾರಿಗೆ ಅದು ಭಾರವೇ.

ಇನ್ನು ಪಶ್ಚಾತ್ಕರ್ಮ. ಇದರಲ್ಲಿ ಅರ್ಧಭಾಗ ವೈದ್ಯರದು, ಅರ್ಧಭಾಗ ಗೃಹಸ್ಥರದು. ರೋಗಿಯ ಮೈಯಲ್ಲಿ ಕಾವಲಿಲ್ಲದ ದಿನಗಳಲ್ಲಿ ನಮಗೆ ಸಾಮಾನ್ಯ ನೆಗಡಿಯಾದುದು ಆತನಿಗೆ ಪ್ರಾಣಾಂತಿಕವಾದೀತು. ಜ್ವರವು ೧೦೦.೪ ಡಿಗ್ರಿ ಮುಟ್ಟಿತೋ, ರಾತ್ರಿಯಾಗಲಿ ಹಗಲಾಗಲಿ ಕೂಡಲೇ ಆಸ್ಪತ್ರೆಗೆ ತಿಳಿಸತಕ್ಕದ್ದು, ಬೆಳಗಾಗಲೆಂದು ಕಾಯಬಾರದು. ರೋಗಿಯನ್ನು ಮುಟ್ಟುವ ಮೊದಲು ಸಾಬೂನಿನಿಂದ ಕೈತೊಳೆಯಬೇಕು. ಆಹಾರವು ಚೆನ್ನಾಗಿ ಬೆಂದು ಬಿಸಿಯಾಗಿರಬೇಕು. ಕಷಾಯ, ಲೇಹ್ಯ, ನಾಟಿ ಔಷಧಗಳನ್ನು ವೈದ್ಯರಿಗೆ ತಿಳಿಸದೆ ಕೊಡಬಾರದು. ಸಜೀವ ರೋಗಾಣುಗಳಿರುವ ಲಸಿಕೆಗಳನ್ನು ರೋಗಿಗೆ ಹಾಕಿಸಬಾರದು. ಫ್ಲುಡರಬಿನ್ ಪಡೆದವರಿಗೆ ಮುಂದೆ ಎಂದಾದರೂ ರಕ್ತ ಕೊಡಬೇಕಾದರೆ ಅದನ್ನು ಕಿರಣಗಳಿಂದ ಸಂಸ್ಕರಿಸಿರಬೇಕು. ಆದ್ದರಿಂದ ಬೇರೆ ಆಸ್ಪತ್ರೆಗೆ ಹೋದಾಗ ಈ ಔಷಧದ ಹೆಸರನ್ನು ಮರೆಯದೆ ಹೇಳತಕ್ಕದ್ದು.

ಎಲ್ಲಕ್ಕಿಂತ ಕಷ್ಟವಾದುದು ನೆಂಟರನ್ನು ತಡೆಯುವುದು. ಕಾಯಿಲೆಯವರನ್ನು ನೋಡಲು ಹೋಗದಿದ್ದರೆ ಸ್ನೇಹವೇ ಇಲ್ಲವೆಂದು ತಿಳಿಯುವವರು ನಾವು. ಇದನ್ನು ಬರೆಯುತ್ತಿರುವ ನಾವೇ ತಪ್ಪಿದೆವೆಂಬುದನ್ನು ಮುಚ್ಚಿಡುವುದಿಲ್ಲ. ಚಿಕಿತ್ಸೆಯಾದ ಮೂರನೆಯ ವಾರ, ಆಸ್ಪತ್ರೆಯ ಹತ್ತಿರ ಬಾಡಿಗೆಗೆ ಹಿಡಿದಿದ್ದ ಮನೆಗೆ, ಪ್ರಸಾದವನ್ನೂ ಸೀಬೆಯ ಹಣ್ಣುಗಳನ್ನೂ ಹಿಡಿದುಕೊಂಡು ಬಸ್ಸಿನಲ್ಲಿ ಹೋದೆವು. ಗಂಟಲಲ್ಲಿ ಸಣ್ಣ ಕೆಮ್ಮಿತ್ತು. ಅದೇನು ಮಹಾ ಎಂದುಕೊಂಡೆವು. ಬಾಗಿಲಲ್ಲಿ ಆ ತಾಯಿಯೇ ನಿಂತಿದ್ದರು.

"ಮೇಷ್ಟ್ರೇ, ಬೇಜಾರು ಮಾಡಿಕೊಳ್ಳಬೇಡಿ. ನೀವು ಕೆಮ್ಮುತ್ತಿದ್ದೀರಿ, ಒಳಗೆ ಬರಬೇಡಿ. ಅವನ ಮೈಯಲ್ಲಿ ಕಾವಲು ಇನ್ನೂ ಹುಟ್ಟಿಲ್ಲವಂತೆ. ಹುಟ್ಟುವ ತನಕ ನಾನೇ ಕಾವಲು."

ಅರ್ಧ ಗಳಿಗೆ ಅಂಗಳದಲ್ಲಿ ನಿಂತೆವು. ಕಿಟಕಿಯ ಗಾಜಿನಾಚೆಯಿಂದ ನಮ್ಮ ವಿದ್ಯಾರ್ಥಿ ಕೈಮುಗಿದು ನಕ್ಕನು, ತಲೆಯಲ್ಲಿ ಕೂದಲಿರಲಿಲ್ಲ. ನಾವು ಹೇಳಿಕೊಟ್ಟ ಪಾಠವನ್ನು ನಮಗೇ ಒಪ್ಪಿಸಿದ ಆ ತಾಯಿಗೆ ಮನಸ್ಸಿನಲ್ಲೇ ನಮಸ್ಕರಿಸಿ ಹಿಂದಿರುಗಿದೆವು.

ಮೂರು ತಿಂಗಳ ಪರೀಕ್ಷೆಯಲ್ಲಿ ಆತನ ಗೆಡ್ಡೆಗಳು ಕಾಣಲಿಲ್ಲವೆಂದು ತಿಳಿದುಬಂದಿತು. ಈ ಚಿಕಿತ್ಸೆಯಾದ ಮೇಲೂ ರೋಗವು ಮರಳುವವರುಂಟು. ಆದ್ದರಿಂದ ಮುಂದಿನದನ್ನು ಈಗಲೇ ಹೇಳುವಂತಿಲ್ಲ. ಆದರೆ ವಾಚಕರಲ್ಲಿ ಯಾರ ಮನೆಗಾದರೂ ಇಂಥ ಕಾಗದವು ಸಹಿಗಾಗಿ ಬಂದರೆ, ಭಯದಿಂದ ನಿರಾಕರಿಸುವುದೂ ಬೇಡ, ಕಣ್ಣುಮುಚ್ಚಿ ಸಹಿ ಮಾಡುವುದೂ ಬೇಡ. ಈ ಬರಿದುಮಾಡುವಿಕೆ ಏತಕ್ಕೆ, ಎಷ್ಟು ದಿನ, ಆ ದಿನಗಳಲ್ಲಿ ನಮ್ಮ ಪಾಲಿನ ಕೆಲಸವೇನು ಎಂಬ ಮೂರು ಪ್ರಶ್ನೆಗಳನ್ನು ವೈದ್ಯರಿಗೆ ಕೇಳಿರಿ. ಉತ್ತರವು ಮನಸ್ಸಿಗೆ ಒಪ್ಪಿ ಸಹಿ ಮಾಡಿದ ಮೇಲೆ, ಬಾಗಿಲಲ್ಲಿ ಕಾವಲು ನಿಲ್ಲುವ ಕೆಲಸ ನಿಮ್ಮದು.